ನಾರಾದಲ್ಲಿ ಜಿಂಕೆ ಬಿಟ್ಟರೆ ಬೇರೇನೂ ಇಲ್ಲವೇ?

ಮಾನ್ಯ ಸಂಪಾದಕರೇ,

ಜಪಾನ್ ಟೂರಿನ ಬಗ್ಗೆ ಥಾಣೆಯ ಓದುಗರೊಬ್ಬರು ನಿಮ್ಮ ಪತ್ರಿಕೆಗೆ ಬರೆದ ಪತ್ರ ಓದಿದೆ. ನಾರಾ ಎಂಬ ಊರಿಗೆ ಕರೆದುಕೊಂಡು ಹೋಗಿ ಜಿಂಕೆ ತೋರಿಸಿ ವಾಪಸ್ ಬಸ್ಸು ಹತ್ತಿಸಿದರು, ಜಿಂಕೆ ನಮ್ಮ ಬೋರಿವಲಿ ಪಾರ್ಕಿನಲ್ಲಿ ಇಲ್ವಾ, ಅದಕ್ಕೆ ಇಷ್ಟು ದುಡ್ಡು ಸುರಿಯಬೇಕಿತ್ತಾ ಎಂದು ಅವರು ಬೇಸರಪಟ್ಟುಕೊಂಡಿದ್ದಾರೆ. ಬೇಸರ ನ್ಯಾಯವೇ. ಆದರೆ ಬೈಗುಳ ತಪ್ಪು ವಿಳಾಸಕ್ಕೆ ಹೋಗಿದೆ. ಬೈಯಬೇಕಾದ್ದು ಊರನ್ನಲ್ಲ, ತೋರಿಸಿದವರನ್ನು.

ನಾನು ಮುಲುಂಡ್‌ನಲ್ಲಿ ಹೋಟೆಲು ನಡೆಸಿದವನು. ಈಗ ಗಲ್ಲಾದಲ್ಲಿ ಮಗ ಕೂರುತ್ತಾನೆ. ನಾನೂ ನನ್ನ ಹೆಂಡತಿಯೂ ಅಂಥದ್ದೇ ಒಂದು ಗುಂಪಿನಲ್ಲಿ ಹೋಗಿಬಂದವರು. ಕಂಪನಿಯ ಹೆಸರು ಬೇಡ, ಸುಮಾರು ಎಲ್ಲರದ್ದೂ ಒಂದೇ ಕಥೆ. ಕಾಗದದಲ್ಲಿ ‘ನಾರಾ ಗೈಡೆಡ್ ಟೂರ್’ ಎಂದೇ ಅಚ್ಚಾಗಿತ್ತು. ಗೈಡ್ ಯಾರಪ್ಪಾ ಎಂದರೆ ಮುಂಬಯಿಯಿಂದ ನಮ್ಮ ಜೊತೆಗೇ ವಿಮಾನ ಹತ್ತಿದ ಟೂರ್ ಮ್ಯಾನೇಜರ್ ಹುಡುಗ. ಪಾಪ, ಅವನಿಗೂ ಊರು ಹೊಸದು. ಕೈಯಲ್ಲಿ ಬಾವುಟ, ಬಾಯಲ್ಲಿ ಎರಡೇ ಮಾತು. ಟಾಯ್ಲೆಟ್ ಇಲ್ಲಿದೆ, ಬಸ್ಸು ಅಲ್ಲಿದೆ. ಒಸಾಕಾದಲ್ಲಿ ಥಾಲಿ ಊಟ ಬುಕ್ ಆಗಿತ್ತಂತೆ, ತಣ್ಣಗಾಗುತ್ತದೆ ಎಂದು ಅವಸರ. ನಾರಾದ ದೊಡ್ಡ ಬುದ್ಧನ ಮೂರ್ತಿಯ ಮುಂದೆ ಎಲ್ಲರೂ ಒಂದೊಂದು ಫೋಟೋ ಹೊಡೆಸಿಕೊಂಡರು. ಅಷ್ಟೇ.

ನಮ್ಮ ಸೊಸೆ ಬುದ್ಧಿವಂತೆ. ಟೂರಿನ ಕೊನೆಯಲ್ಲಿ ಒಸಾಕಾದಲ್ಲಿ ‘ಫ್ರೀ ಡೇ’ ಇದೆ ಎಂದು ನೋಡಿ, ಹೊರಡುವ ಮುಂಚೆಯೇ ನಾರಾದ ಸ್ವಯಂಸೇವಕ ಗೈಡುಗಳಿಗೆ ಮೇಲ್ ಮಾಡಿ ಇಟ್ಟಿದ್ದಳು. ಉಳಿದವರು ಶಾಪಿಂಗ್‌ಗೆ ಹೋದರು. ನಾವಿಬ್ಬರೂ ಮತ್ತೆ ನಾರಾಕ್ಕೆ ಹೊರಟೆವು. ಒಸಾಕಾದ ನಂಬಾ ಸ್ಟೇಷನ್ನಿನಿಂದ ಸುಮಾರು ನಲವತ್ತು ನಿಮಿಷದ ರೈಲು. ಮುಲುಂಡ್‌ನಿಂದ ದಾದರ್‌ಗೆ ಹೋದಷ್ಟೂ ತ್ರಾಸವಿಲ್ಲ.

ಈ ಏರ್ಪಾಟು ನಮ್ಮವರಿಗೆ ಅಷ್ಟಾಗಿ ಗೊತ್ತಿಲ್ಲ, ಹಾಗಾಗಿ ಬರೆಯುತ್ತಿದ್ದೇನೆ. ಜಪಾನಿನಲ್ಲಿ ಗೈಡ್ ಕೆಲಸಕ್ಕೆ 1949ರಿಂದ ಸರ್ಕಾರಿ ಪರೀಕ್ಷೆ ಇದೆ. 2018ರಲ್ಲಿ ಕಾನೂನು ಸಡಿಲಿಸಿ, ಪರೀಕ್ಷೆ ಪಾಸಾಗದವರೂ ದುಡ್ಡು ತೆಗೆದುಕೊಂಡು ಊರು ತೋರಿಸಬಹುದು ಎಂದು ಮಾಡಿದ್ದಾರೆ. ಇವೆರಡೂ ಅಲ್ಲದ ಮೂರನೇ ಜಾತಿಯೊಂದಿದೆ. ರಿಟೈರ್ ಆದವರು, ಗೃಹಿಣಿಯರು, ಕಾಲೇಜು ಹುಡುಗರು ತಮ್ಮೂರನ್ನು ಹೊರಗಿನವರಿಗೆ ಪುಕ್ಕಟೆ ತೋರಿಸುತ್ತಾರೆ. ಅವರ ರೈಲು ಬಸ್ಸಿನ ಖರ್ಚು, ಒಳಗೆ ಹೋಗುವ ಟಿಕೆಟ್, ಮಧ್ಯಾಹ್ನದ ಊಟ ನಾವು ಕೊಡಬೇಕು. ಟಿಪ್ಸ್ ಕೊಡಲು ಹೋದರೆ ಕೈ ಹಿಂದಕ್ಕೆ ಎಳೆದುಕೊಳ್ಳುತ್ತಾರೆ.

ನಮಗೆ ಸಿಕ್ಕಿದ್ದು ಎಪ್ಪತ್ತರ ಆಸುಪಾಸಿನ ಒಬ್ಬ ಅಮ್ಮ. ಹಿಂದೆ ಶಾಲೆಯಲ್ಲಿ ಟೀಚರ್. ಸ್ಟೇಷನ್ ಎದುರಿನ ಕಾರಂಜಿಯ ಹತ್ತಿರ ಕಾಯುತ್ತಿದ್ದರು. ಕಾರಂಜಿಯ ನಡುವೆ ಒಬ್ಬ ಸನ್ಯಾಸಿಯ ಮೂರ್ತಿ. ಗುಂಪಿನ ಬಸ್ಸು ಈ ಕಡೆ ಬರುವುದೇ ಇಲ್ಲ, ಹಾಗಾಗಿ ನಾವು ಅದನ್ನು ನೋಡಿರಲಿಲ್ಲ. ಅವರು ಅಲ್ಲಿಂದಲೇ ಶುರು ಮಾಡಿದರು. ಈತನ ಹೆಸರು ಗ್ಯೋಕಿ. ಸೇತುವೆ, ಕೆರೆ ಕಟ್ಟಿಸುತ್ತಾ ಊರೂರು ತಿರುಗಿದವನು. ದೊಡ್ಡ ಬುದ್ಧನನ್ನು ಎರಕ ಹೊಯ್ಯಬೇಕೆಂದು ಶೋಮು ಚಕ್ರವರ್ತಿ ತೀರ್ಮಾನಿಸಿದಾಗ ಜನರ ಮನೆಮನೆಯಿಂದ ಚಂದಾ ಎತ್ತಿದವನು ಈತ. ಮುಂಬಯಿಯ ಸಂಘಗಳಲ್ಲಿ ರಸೀದಿ ಪುಸ್ತಕ ಹಿಡಿದು ತಿರುಗಿದ ನನಗೆ ತಕ್ಷಣ ಆತನ ಮೇಲೆ ಪ್ರೀತಿ ಬಂತು.

ಆಮೇಲೆ ಆಕೆ ನಮ್ಮ ಕಡೆ ತಿರುಗಿ, 736ರಲ್ಲಿ ಇದೇ ಗ್ಯೋಕಿ ಒಸಾಕಾ ಬಂದರಿಗೆ ಹೋಗಿ ನಿಮ್ಮ ದೇಶದವರೊಬ್ಬರನ್ನು ಎದುರುಗೊಂಡು ಕರೆತಂದ ಎಂದರು. ಬೋಧಿಸೇನ. ಭಾರತದಿಂದ ಚೀನಾಕ್ಕೆ ಹೋಗಿದ್ದ ಭಿಕ್ಷು. ದಕ್ಷಿಣದವನೆಂದು ಹೇಳುವವರೂ ಇದ್ದಾರೆ. 752ರಲ್ಲಿ ಬುದ್ಧನಿಗೆ ಕಣ್ಣು ಬಿಡಿಸಿದ್ದು ಈತನೇ. ನಮ್ಮಲ್ಲೂ ಪ್ರತಿಷ್ಠೆಗೆ ಮುಂಚೆ ಮೂರ್ತಿಯ ಕಣ್ಣು ತೆರೆಸುವುದಿಲ್ವೇ, ಹಾಗೆ. ದೊಡ್ಡ ಕುಂಚಕ್ಕೆ ಉದ್ದನೆಯ ನೀಲಿ ಹಗ್ಗ ಕಟ್ಟಿದ್ದರು. ಕೆಳಗೆ ನೆರೆದವರು ಆ ಹಗ್ಗ ಹಿಡಿದು ನಿಂತಿದ್ದರಂತೆ, ಪುಣ್ಯ ಎಲ್ಲರಿಗೂ ಸೇರಲಿ ಎಂದು. ಆ ಕುಂಚ, ಆ ಹಗ್ಗ ಎರಡೂ ಶೋಸೋಇನ್ ಎಂಬ ಅರಮನೆಯ ಖಜಾನೆಯಲ್ಲಿ ಈಗಲೂ ಇವೆ. ಪ್ಲಾಸ್ಟಿಕ್ ಫೈಲಿನಲ್ಲಿ ಇಟ್ಟುಕೊಂಡಿದ್ದ ಫೋಟೋ ತೋರಿಸಿದರು. ಗುಂಪಿನಲ್ಲಿ ಬಂದಾಗ ನಾವೂ ಅದೇ ಬುದ್ಧನ ಮುಂದೆ ನಿಂತಿದ್ದೆವು. ಆತನ ಕಣ್ಣಿಗೂ ನಮಗೂ ನಂಟಿದೆ ಎಂದು ಹೇಳುವವರು ಯಾರೂ ಇರಲಿಲ್ಲ.

ಆ ಬುದ್ಧ ಇರುವ ತೋದೈಜಿ ದೇವಾಲಯಕ್ಕೆ ನಡೆದುಕೊಂಡೇ ಹೋದೆವು. ದಾರಿಯುದ್ದಕ್ಕೂ ಜಿಂಕೆ. ಹೌದು, ಜಿಂಕೆಯ ಬಗ್ಗೆಯೂ ಹೇಳಿಬಿಡುತ್ತೇನೆ. ಸಾವಿರಕ್ಕೂ ಜಾಸ್ತಿ ಇವೆ, ಯಾರೂ ಸಾಕಿದ್ದಲ್ಲ. ಕಸುಗಾ ದೇವಾಲಯದ ದೇವರು ಬಿಳಿ ಜಿಂಕೆಯ ಮೇಲೆ ಬಂದನೆಂದು ನಂಬಿಕೆ, ಹಾಗಾಗಿ ಹಿಂದಿನಿಂದಲೂ ಅವನ್ನು ಮುಟ್ಟುವವರಿಲ್ಲ. ಹೋಟೆಲಿನವನಾದ ನನ್ನ ಕಣ್ಣು ಬಿದ್ದದ್ದು ಜಿಂಕೆಗೆ ಹಾಕುವ ಬಿಸ್ಕತ್ತಿನ ಮೇಲೆ. ಅಕ್ಕಿ ತೌಡು, ಗೋಧಿ ಹಿಟ್ಟು, ಅಷ್ಟೇ. ಸಕ್ಕರೆ ಇಲ್ಲ. ಬಿಸ್ಕತ್ತಿನ ಕಟ್ಟಿನ ಸುತ್ತ ಹಾಕುವ ಕಾಗದದ ಪಟ್ಟಿಯನ್ನು ಜಿಂಕೆ ನುಂಗಿದರೂ ತೊಂದರೆಯಾಗದಂತೆ ಮಾಡಿದ್ದಾರೆ, ಅದರ ಮೇಲಿನ ಅಚ್ಚಿಗೂ ಸೋಯಾ ಶಾಯಿ. ಆ ಪಟ್ಟಿಯಿಂದ ಬರುವ ದುಡ್ಡು ಜಿಂಕೆಗಳ ರಕ್ಷಣೆಗೆ ಹೋಗುತ್ತದೆ. ತಳ್ಳುಗಾಡಿಯ ಅಜ್ಜಿ ಬಿಸ್ಕತ್ತು ರಾಶಿ ಹಾಕಿಕೊಂಡು ಕೂತಿದ್ದರೂ ಜಿಂಕೆಗಳು ಅದಕ್ಕೆ ಬಾಯಿ ಹಾಕುವುದಿಲ್ಲ. ನಾವು ಕೊಂಡು ಕೈಗೆ ತೆಗೆದುಕೊಂಡೆವೋ, ಮುತ್ತಿಗೆ. ತಲೆ ಬಗ್ಗಿಸಿ ನಮಸ್ಕಾರ ಬೇರೆ ಮಾಡುತ್ತವೆ. ಖಾಲಿಯಾದ ಮೇಲೆ ಎರಡೂ ಅಂಗೈ ಬಿಚ್ಚಿ ತೋರಿಸಿ ಎಂದರು ಗೈಡಮ್ಮ. ತೋರಿಸಿದೆವು. ಸುಮ್ನೆ ಹೊರಟುಹೋದವು. ಗುಂಪಿನಲ್ಲಿ ಬಂದಾಗ ಇದನ್ನು ಹೇಳಿಕೊಡುವವರಿಲ್ಲದೆ ನಮ್ಮ ಜೊತೆಯವರೊಬ್ಬರ ಊರಿನ ನಕ್ಷೆಯನ್ನು ಜಿಂಕೆ ಅರ್ಧ ತಿಂದು ಮುಗಿಸಿತ್ತು.

ದೊಡ್ಡ ಹೆಬ್ಬಾಗಿಲಿನ ಕೆಳಗೆ ಬಂದಾಗ ಆಕೆ ನಿಲ್ಲಿಸಿದರು. ಎರಡೂ ಪಕ್ಕದಲ್ಲಿ ಮರದ ದ್ವಾರಪಾಲಕರು, ಒಬ್ಬೊಬ್ಬನೂ ಎಂಟು ಮೀಟರ್‌ಗಿಂತ ಎತ್ತರ. ಒಬ್ಬನ ಬಾಯಿ ತೆರೆದಿದೆ, ಇನ್ನೊಬ್ಬನದು ಮುಚ್ಚಿದೆ. ಉಂಕೆ, ಕೈಕೆ ಎಂಬ ಶಿಲ್ಪಿಗಳು ತಮ್ಮವರನ್ನು ಕಟ್ಟಿಕೊಂಡು 1203ರಲ್ಲಿ ಮಾಡಿದ್ದು. ಸಾವಿರಾರು ಮರದ ತುಂಡು ಜೋಡಿಸಿ, 69 ದಿನಗಳಲ್ಲಿ. ಹತ್ತು ನಿಮಿಷ ಏನೂ ಮಾತಾಡದೆ ನೋಡಿ ಎಂದು ಹೇಳಿ ಆಕೆ ಪಕ್ಕಕ್ಕೆ ಸರಿದು ನಿಂತುಬಿಟ್ಟರು. ಗೈಡ್ ಎಂದರೆ ಮಾತಾಡುತ್ತಲೇ ಇರಬೇಕು ಎಂದುಕೊಳ್ಳುವವರು ಇದನ್ನು ನೋಡಬೇಕಿತ್ತು. ಆ ಹೊತ್ತಿನಲ್ಲಿ ಬೇರೆ ದೇಶಗಳ ಬಾವುಟಗಳ ಹಿಂದೆ ಗುಂಪು ಗುಂಪು ಜನ ಬಾಗಿಲು ದಾಟಿ ಹೋದರು. ತಲೆ ಎತ್ತಿದವರು ಕಡಿಮೆ.

ಒಳಗಿನ ಬುದ್ಧ ಸುಮಾರು 15 ಮೀಟರ್. ಕಂಚಿನವನು, ಕೂತವನು. ಪೂರ್ತಿ ಹಳೆಯವನಲ್ಲ. 855ರಲ್ಲಿ ಭೂಕಂಪಕ್ಕೆ ತಲೆ ಉರುಳಿತ್ತು. 1180ರಲ್ಲಿ ಯುದ್ಧದ ಬೆಂಕಿ, 1567ರಲ್ಲಿ ಮತ್ತೊಂದು. ಆಮೇಲೆ ನೂರು ವರ್ಷಕ್ಕೂ ಮೇಲೆ ಆತನಿಗೆ ಸರಿಯಾದ ಸೂರೇ ಇರಲಿಲ್ಲ. ಈಗಿನ ಭವನ ಮುಗಿದದ್ದು 1709ರಲ್ಲಿ, 57 ಮೀಟರ್ ಅಗಲ. ಮೊದಲಿನದು ಇದಕ್ಕಿಂತ ಅಗಲವಾಗಿತ್ತಂತೆ! ಹಾಗಾದರೆ ಬೋಧಿಸೇನ ನೋಡಿದ್ದು ಏನು ಉಳಿದಿದೆ ಎಂದು ಕೇಳಿದೆ. ಆಕೆ ಪೀಠದ ಕಮಲದ ಎಸಳುಗಳನ್ನು ತೋರಿಸಿದರು. ಕೆಲವು ಎಸಳು ಎಂಟನೇ ಶತಮಾನದವೇ, ಅವುಗಳ ಮೇಲೆ ಕೂದಲೆಳೆಯಷ್ಟು ಸಣ್ಣ ಗೆರೆಗಳಲ್ಲಿ ಬುದ್ಧರು, ಲೋಕಗಳು. ಪ್ರತಿ ವರ್ಷ ಆಗಸ್ಟ್ 7ರಂದು ಬಿಳಿ ಬಟ್ಟೆ ತೊಟ್ಟವರು ಮೂರ್ತಿಯ ಮೈಮೇಲೆಲ್ಲ ಹತ್ತಿ ಧೂಳು ಒರೆಸುತ್ತಾರೆ.

ಭವನದ ಹೊರಗೆ ಕೆಂಪು ಟೋಪಿ ಹಾಕಿಕೊಂಡ ಮರದ ಮುದುಕನೊಬ್ಬ ಕೂತಿದ್ದಾನೆ. ಪಿಂಡೋಲ ಭಾರದ್ವಾಜ, ಬುದ್ಧನ ಶಿಷ್ಯ. ಮೈಯಲ್ಲಿ ಎಲ್ಲಿ ನೋವಿದೆಯೋ ಆತನ ಅದೇ ಜಾಗ ಸವರಿ, ಆಮೇಲೆ ನಮ್ಮದನ್ನು ಸವರಿಕೊಳ್ಳಬೇಕು. ನನ್ನ ಹೆಂಡತಿ ಆತನ ಮಂಡಿಯನ್ನು ಜೋರಾಗಿಯೇ ತಿಕ್ಕಿದಳು. ನಮ್ಮದೂ ಭಾರದ್ವಾಜ ಗೋತ್ರ, ಸ್ವಲ್ಪ ನೋಡಿಕೊಳ್ಳಪ್ಪ ಎಂದು ಕನ್ನಡದಲ್ಲೇ ಹೇಳಿದಳು. ಮಂಡಿ ನೋವು ಹಾಗೇ ಇದೆ, ಅದು ಬೇರೆ ಮಾತು.

ಊಟದ ಪಾಡು ಎಲ್ಲ ಸಸ್ಯಾಹಾರಿಗಳಿಗೂ ಗೊತ್ತಿದ್ದದ್ದೇ. ಸಾರು ಎಂದರೆ ಅದರಲ್ಲಿ ಒಣಮೀನು ಬೇಯಿಸಿಯೇ ಇರುತ್ತಾರೆ. ಬುತ್ತಿ ಕಟ್ಟಿಕೊಂಡು ಹೋಗುವುದು ಒಳ್ಳೆಯದು. ಸಾಂಜೋ ಬೀದಿಯಲ್ಲಿ ಮೋಚಿ ಎಂಬ ಅಂಟಕ್ಕಿಯ ತಿಂಡಿ ಕುಟ್ಟುವುದನ್ನು ಮಾತ್ರ ತಪ್ಪಿಸಬೇಡಿ. ಒಬ್ಬ ದೊಡ್ಡ ಸುತ್ತಿಗೆಯಲ್ಲಿ ಹೊಡೆಯುತ್ತಾನೆ, ಎರಡು ಏಟಿನ ನಡುವೆ ಇನ್ನೊಬ್ಬ ಕೈ ಹಾಕಿ ಹಿಟ್ಟು ಮಗುಚುತ್ತಾನೆ. ನಮ್ಮ ಹೋಟೆಲಿನ ಭಟ್ಟರಿಗೆ ತೋರಿಸಲು ವಿಡಿಯೋ ಮಾಡಿಕೊಂಡೆ.

ಮಧ್ಯಾಹ್ನ ಬೆಟ್ಟದ ಇಳಿಜಾರಿನಲ್ಲಿರುವ, ತೋದೈಜಿಯದೇ ಇನ್ನೊಂದು ಭವನವಾದ ನಿಗತ್ಸುದೋಗೆ ಹತ್ತಿದೆವು. ಈ ಪತ್ರ ಬರೆಯಲು ನಿಜವಾದ ಕಾರಣ ಅಲ್ಲಿ ನಡೆದ ಮಾತು. ಪ್ರತಿ ಮಾರ್ಚ್ ಮೊದಲ ಎರಡು ವಾರ ಅಲ್ಲಿ ಭಿಕ್ಷುಗಳು ದೊಡ್ಡ ದೊಡ್ಡ ಪಂಜು ಹಿಡಿದು ಜಗುಲಿಯ ಮೇಲೆ ಓಡುತ್ತಾರೆ, ಕೆಳಗೆ ನಿಂತ ಜನ ಕಿಡಿ ಮೈಮೇಲೆ ಬಿದ್ದರೆ ಒಳ್ಳೆಯದೆಂದು ಕಾಯುತ್ತಾರೆ. 752ರಿಂದ ಒಂದು ವರ್ಷವೂ ತಪ್ಪಿಲ್ಲ. ಇದೆಲ್ಲ ಹನ್ನೊಂದು ಮುಖದ ಅವಲೋಕಿತೇಶ್ವರ ಎಂಬ ಬೋಧಿಸತ್ವನ ಮುಂದೆ ಕ್ಷಮೆ ಕೇಳುವ ವ್ರತ. ಆದರೆ ಆ ಮೂರ್ತಿಯನ್ನು ಯಾರೂ ನೋಡುವಂತಿಲ್ಲ. ವ್ರತ ಮಾಡುವ ಭಿಕ್ಷುಗಳೂ ನೋಡುವುದಿಲ್ಲ.

ಇಷ್ಟು ಹೇಳಿ ಆಕೆ, ನೀವು ಮುಂಬಯಿಯವರಲ್ಲವೇ, ನಿಮ್ಮೂರಿನ ಗುಹೆಯಲ್ಲಿ ಹನ್ನೊಂದು ಮುಖದವನು ಬಾಗಿಲಿಲ್ಲದೆ ನಿಂತಿದ್ದಾನಂತೆ, ಹೌದೇ ಎಂದು ಕೇಳಿದರು. ನಾವು ಬರುತ್ತೇವೆಂದು ತಿಳಿದ ಮೇಲೆ ಓದಿಕೊಂಡಿದ್ದರಂತೆ.

ಹೌದು. ಅದೇ ಬೋರಿವಲಿ ಪಾರ್ಕಿನೊಳಗಿನ ಕಾನ್ಹೇರಿಯ 41ನೇ ಗುಹೆ. ಹನ್ನೊಂದು ತಲೆ, ನಾಲ್ಕು ಕೈ. ಭಾರತದಲ್ಲಿ ಇಂಥದ್ದು ಬಹಳ ಅಪರೂಪ. ನಾನು ಹೋಟೆಲಿನಲ್ಲಿ ಕ್ಲೀನರ್ ಆಗಿದ್ದುಕೊಂಡು ಕನ್ನಡ ರಾತ್ರಿಶಾಲೆಯಲ್ಲಿ ಓದುತ್ತಿದ್ದಾಗ ಮೇಷ್ಟ್ರು ನಮ್ಮನ್ನೆಲ್ಲ ಅಲ್ಲಿಗೆ ಕರೆದುಕೊಂಡು ಹೋಗಿದ್ದರು. ಅಲ್ಲೇ ಇನ್ನೊಂದು ಗುಹೆಯಲ್ಲಿ ಒಂಬತ್ತನೇ ಶತಮಾನದ ಶಾಸನ ತೋರಿಸಿ, ಇದರಲ್ಲಿ ನಮ್ಮ ನೃಪತುಂಗನ ಹೆಸರಿದೆ ಕಣ್ರೋ ಎಂದಿದ್ದರು. ರಾಷ್ಟ್ರಕೂಟರ ಕೈಕೆಳಗೆ ಶಿಲಾಹಾರರು ಕೊಂಕಣ ಆಳುತ್ತಿದ್ದ ಕಾಲ. ನಮಗೆ ಆಗ ಎಷ್ಟು ಅರ್ಥವಾಯಿತೋ ದೇವರಿಗೇ ಗೊತ್ತು. ಆದರೆ ಮೇಷ್ಟ್ರು ಗುಹೆ ಗುಹೆಯ ಪಕ್ಕದಲ್ಲಿ ಕಲ್ಲು ಕೊರೆದ ನೀರಿನ ತೊಟ್ಟಿ ತೋರಿಸಿ, ಮಳೆನೀರು ಎಲ್ಲಿಂದ ಇಳಿದು ಎಲ್ಲಿಗೆ ಸೇರುತ್ತದೆ ಎಂದು ಕೈಯಲ್ಲೇ ಗೆರೆ ಎಳೆದು ಹೇಳಿದ್ದು ಇವತ್ತೂ ಕಣ್ಣ ಮುಂದಿದೆ. ನೂರಕ್ಕೂ ಜಾಸ್ತಿ ಗುಹೆಗಳು. ದಾನ ಕೊಟ್ಟವರಲ್ಲಿ ಕಲ್ಯಾಣ, ಸೋಪಾರದ ವ್ಯಾಪಾರಿಗಳ ಹೆಸರು ಕೊರೆದಿದೆ. ಈಗಿನ ಕಲ್ಯಾಣ, ನಾಲಾಸೋಪಾರಾ ಸ್ವಾಮಿ, ನಾವು ದಿನಾ ಲೋಕಲ್‌ನಲ್ಲಿ ದಾಟುವ ಊರುಗಳು!

ಜಪಾನಿಗೆ ಹೋಗುವವರಿಗೆ ನನ್ನದು ಇಷ್ಟೇ ಮಾತು. ದುಡ್ಡು ಕಟ್ಟುವ ಮುಂಚೆ ಕಂಪನಿಯವರನ್ನು ಬಾಯಿಬಿಟ್ಟು ಕೇಳಿ. ಗೈಡ್ ಆ ಊರಿನವನಾ? ಒಬ್ಬನಿಗೆ ಎಷ್ಟು ಜನ? ದೇವಾಲಯದೊಳಗೆ ಎಷ್ಟು ಹೊತ್ತು? ಸುತ್ತಿ ಬಳಸಿ ಮಾತಾಡಿದರೆ ನಾರಾವನ್ನು ಅವರ ಪಟ್ಟಿಯಿಂದ ಬಿಟ್ಟು, ನೀವೇ ಒಂದು ಇಡೀ ದಿನ ಇಟ್ಟುಕೊಳ್ಳಿ. ಎರಡು ವಾರ ಮುಂಚೆಯಾದರೂ ಸ್ವಯಂಸೇವಕರಿಗೆ ಬರೆಯಿರಿ. ಇಂಗ್ಲಿಷ್ ಹರಕುಮುರುಕಾದರೂ ನಡೆಯುತ್ತದೆ, ನಮ್ಮದೇನು ಭಾರೀ ಚೆನ್ನಾಗಿತ್ತಾ?

ನಮ್ಮ ಕನ್ನಡ ಸಂಘಗಳ ಮುಂದೆಯೂ ಒಂದು ಬೇಡಿಕೆ ಇದೆ. ಉಪನಗರಕ್ಕೊಂದು ಸಂಘ, ಸಂಘಕ್ಕೊಂದು ಸಭಾಂಗಣ. ರಿಟೈರ್ ಆದ ಮೇಷ್ಟ್ರುಗಳು, ಬ್ಯಾಂಕಿನವರು ನಮ್ಮಲ್ಲಿ ಬೇಕಾದಷ್ಟಿದ್ದಾರೆ. ಶಾಲು ಹೊದೆಸುವ ಕಾರ್ಯಕ್ರಮ ಒಂದೆರಡು ಕಡಿಮೆಯಾದರೂ ನಷ್ಟವಿಲ್ಲ. ಆಸಕ್ತಿ ಇರುವ ನಾಲ್ಕು ಜನ ಕೂತು ಓದಿ, ತಿಂಗಳಿಗೊಂದು ಭಾನುವಾರ ಕಾನ್ಹೇರಿಯನ್ನು ಕನ್ನಡದಲ್ಲಿ ತೋರಿಸಲಿ. ಮಕ್ಕಳೂ ಬರಲಿ, ಊರಿನಿಂದ ಬಂದ ನೆಂಟರೂ ಬರಲಿ. ಸೋಮವಾರ ಪಾರ್ಕಿಗೆ ರಜೆ, ಅದನ್ನು ನೆನಪಿಟ್ಟುಕೊಂಡರೆ ಸಾಕು. ಮಳೆ ನಿಂತ ಕೂಡಲೇ ಶುರು ಮಾಡಿದರೆ ತೊಟ್ಟಿಗಳಲ್ಲಿ ನೀರೂ ಕಾಣುತ್ತದೆ. ಒಂದು ಸಲಕ್ಕೆ ಹದಿನೈದು ಜನ ಸಾಕು, ಬಾವುಟ ಬೇಡ. ತಾರೀಖು ಗೊತ್ತು ಮಾಡಿ ಪತ್ರಿಕೆಯಲ್ಲಿ ಹಾಕಿಸಿ. ಬೆಳಗಿನ ಇಡ್ಲಿ, ಚಟ್ನಿ, ಫ್ಲಾಸ್ಕಿನಲ್ಲಿ ಕಾಫಿ ನಮ್ಮ ಹೋಟೆಲಿನಿಂದ ಬರುತ್ತದೆ. ಅಲ್ಲಿ ಮಂಗಗಳ ಕಾಟ ಜಾಸ್ತಿ, ಹಾಗಾಗಿ ಗುಹೆ ಹತ್ತುವ ಮುಂಚೆ ಗೇಟಿನ ಹತ್ತಿರವೇ ತಿಂದು ಮುಗಿಸಬೇಕು.

ಇತಿ,
ಮುಲುಂಡ್ ಪಶ್ಚಿಮದ ಒಬ್ಬ ಓದುಗ
ಮುಂಬಯಿ