ಮೊದಲನೇ ಸಲದ ಹಾಡು

ಧಾರವಾಡ, ಮಂಗಳವಾರ

ಚಿ. ತಂಗಿಗೆ ನಿನ್ನ ಕಾಕಾ ಮಾಡುವ ಆಶೀರ್ವಾದ.

ನಿನ್ನೆ ರಾತ್ರಿ ನಿನ್ನ ಅಪ್ಪ ಫೋನ್ ಮಾಡಿದ್ದ. ಅರ್ಧ ತಾಸು ನಿನ್ನದೇ ಮಾತು. ‘ಬೆಂಗಳೂರಾಗ ಚಲೋ ನೌಕರಿ ಬಿಟ್ಟು ಭಜನಿ ಮಂದೀದು ಸಿನೆಮಾ ತಗೀತಾಳಂತ. ನೀನಾದ್ರೂ ಬುದ್ಧಿ ಹೇಳು’ ಅಂದ. ಹೇಳುತ್ತೇನೆ ಅಂದೆ. ಅವನ ಮನಸ್ಸಿನಲ್ಲಿದ್ದ ಬುದ್ಧಿಯನ್ನೇ ಹೇಳುತ್ತೇನೆ ಅಂತೇನೂ ಮಾತು ಕೊಟ್ಟಿಲ್ಲ.

ನೀನು ಕಳಿಸಿದ ಸಾಕ್ಷ್ಯಚಿತ್ರದ ಯೋಜನೆಯನ್ನು ಎರಡು ಸಲ ಓದಿದೆ. ಶಿಶುನಾಳದ ಸುತ್ತಿನ ಮೂರು ಹಳ್ಳಿಯ ತತ್ವಪದದವರು, ಜೊತೆಗೆ ಗದಗಿನ ಪುಣ್ಯಾಶ್ರಮ. 12 ದಿನ ಶೂಟಿಂಗ್, 50 ನಿಮಿಷದ ಚಿತ್ರ. ವಿಷಯ ಚೆನ್ನಾಗಿದೆ, ಬರೆದದ್ದೂ ಚೆನ್ನಾಗಿದೆ. ಆಮೇಲೆ ಖರ್ಚಿನ ಪಟ್ಟಿ ನೋಡಿದೆ. ಡ್ರೋನಿಗೆ ಎರಡು ದಿನದ ಬಾಡಿಗೆ. ಹಾಡುವವರ ಮುಂದೆ ‘ಶಾಲು, ಹಣ್ಣು’ ಅಂತ ಬರೆದಿದ್ದೀಯಾ. ಅಲ್ಲಿಗೆ ಕನ್ನಡಕ ತೆಗೆದಿಟ್ಟು ಸುಮ್ನೆ ಕೂತೆ.

ಮೊದಲು ನನ್ನದೊಂದು ಸಂಗತಿ ಕೇಳು. ಇದನ್ನು ನಿನ್ನ ಕಾಕು ಬಿಟ್ಟರೆ ಬೇರೆ ಯಾರಿಗೂ ಹೇಳಿಲ್ಲ.

ನಿನಗೆ ನಾನು ಮದುವೆ ವಿಡಿಯೋ ಕಾಕಾ ಅಂತಲೇ ಗೊತ್ತು. ಹುಬ್ಬಳ್ಳಿಯಲ್ಲಿ ಅಂಗಡಿ ಇಟ್ಟ ಹೊಸದರಲ್ಲಿ, 1990ರ ಆಚೀಚೆ, ಹೊರಗಿನಿಂದ ಸಾಕ್ಷ್ಯಚಿತ್ರದವರು ಬಂದರೆ ನನ್ನನ್ನು ಕರೆಯುತ್ತಿದ್ದರು. ಊರು ಗೊತ್ತಿತ್ತು, ಮಂದಿ ಗೊತ್ತಿದ್ದರು, ಮೈಕು ಹಿಡಿಯಲೂ ಬರುತ್ತಿತ್ತು. ಹಾಗೆ ಒಮ್ಮೆ ಶಿಗ್ಗಾವಿ ಕಡೆಯ ಹಳ್ಳಿಯೊಂದಕ್ಕೆ ಹೋದೆವು. ಸೋಮವಾರದ ಭಜನೆ. ಗುಡಿ ಕಟ್ಟೆಯ ಮೇಲೆ ಏಳೆಂಟು ಜನ. ಒಂದು ಪೇಟಿ, ತಬಲಾ, ಎರಡು ಜೋಡಿ ತಾಳ. ನಡುವೆ ಏಕತಾರಿ ಹಿಡಿದ ಅಜ್ಜ.

ರಾತ್ರಿ ಹತ್ತಕ್ಕೆ ಶುರು ಮಾಡಿದರು. ಮೊದಲ ಪದಕ್ಕೇ ಮೈ ಜುಮ್ಮೆಂದಿತು. ಪಲ್ಲವಿಗೆ ಬಂದಾಗಲೆಲ್ಲ ಅಜ್ಜ ಬೇಕಂತಲೇ ಒಂದು ಹೆಜ್ಜೆ ಹಿಂದೆ ಉಳಿಯುತ್ತಿದ್ದ. ಉಳಿದವರು ಹಾಡಿ ಮುಗಿಸುತ್ತಿದ್ದರು. ಆಮೇಲೆ ತಾನೊಬ್ಬನೇ ಕೊನೇ ಶಬ್ದವನ್ನು ಮೆಲ್ಲಗೆ ಕೆಳಗೆ ಇಳಿಸುತ್ತಿದ್ದ, ಬಾವಿಗೆ ಕೊಡ ಬಿಟ್ಟ ಹಾಗೆ. ಕೊಡ ನೀರು ಮುಟ್ಟುವ ತನಕ ತಬಲಾದವನೂ ಕಾಯುತ್ತಿದ್ದ.

ನಿರ್ದೇಶಕರು ಇನ್ನೊಂದು ಕಡೆಯಿಂದ ಶಾಟ್ ಬೇಕು, ಮತ್ತೊಮ್ಮೆ ಹಾಡಿ ಅಂದರು. ಹಾಡಿದರು. ಏಕತಾರಿಯ ಮೇಲಿನ ಬೆರಳು ಹತ್ತಿರದಿಂದ ಬೇಕು, ಇನ್ನೊಮ್ಮೆ ಅಂದರು. ಅದನ್ನು ಕನ್ನಡದಲ್ಲಿ ಅಜ್ಜನಿಗೆ ಹೇಳಿದವನು ನಾನೇ. ಮೂರನೇ ಸಲಕ್ಕೆ ಅಜ್ಜನ ದನಿ ಒಡೆಯಿತು. ಹಿಂದೆ ಉಳಿಯುವ ಆಟ ಬಿಟ್ಟು ಎಲ್ಲರ ಜೊತೆ ಹಾಡಿ ಕೈ ತೊಳೆದುಕೊಂಡ. ಆದರೆ ಆ ಹೊತ್ತಿಗೆ ಬೆಳಕು ಚಂದ ಬಿದ್ದಿತ್ತು. ಚಿತ್ರದಲ್ಲಿ ಉಳಿದದ್ದು ಮೂರನೇದು.

ಮೊದಲನೇದು ನನ್ನ ಹತ್ತಿರ ಇತ್ತು. ಮಿಕ್ಸರಿನಿಂದ ಒಂದು ವೈರ್ ಎಳೆದು ನನ್ನದೇ 90 ನಿಮಿಷದ ಕ್ಯಾಸೆಟ್ಟಿಗೆ ತುಂಬಿಕೊಂಡಿದ್ದೆ. ಕೆಲವು ತಿಂಗಳಾದ ಮೇಲೆ ಒಂದು ಮದುವೆ ವಿಡಿಯೋಕ್ಕೆ ಶಹನಾಯಿ ಬೇಕಾಯಿತು. ಖಾಲಿ ಕ್ಯಾಸೆಟ್ಟು ಕೈಗೆ ಸಿಗಲಿಲ್ಲ. ಅದರ ಮೇಲೇ ತುಂಬಿದೆ.

ಎರಡು ವರ್ಷಕ್ಕೆ ಅಜ್ಜ ತೀರಿಕೊಂಡ. ಅವರ ಮಗ ಬಸ್ಸು ಹಿಡಿದು ಅಂಗಡಿಗೆ ಬಂದ. ‘ಟೀವ್ಯಾಗ ನೋಡಿದ್ವಿರಿ. ಅದು ಅಪ್ಪನ ದನಿ ಅಲ್ರಿ, ಅಪ್ಪನ ದಣಿವು. ಮೊದಲಿಗೆ ಹಾಡಿದ್ದು ಇದ್ರ ತುಂಬಿ ಕೊಡ್ರಿ’ ಅಂದ. ಕೈಯಲ್ಲಿ ಹೊಸ ಕ್ಯಾಸೆಟ್ಟು ಇತ್ತು, ಮೇಲಿನ ಪ್ಲಾಸ್ಟಿಕ್ಕು ಸಹ ಬಿಚ್ಚಿರಲಿಲ್ಲ. ಚಹಾ ತರಿಸಿದೆ. ಕುಡಿದು, ಕ್ಯಾಸೆಟ್ಟು ಜೇಬಿಗೆ ಹಾಕಿಕೊಂಡು ಹೋದ.

ಅದಕ್ಕೇ ಹೇಳುತ್ತೇನೆ ತಂಗಿ. ಮೊದಲನೇ ಸಲ ಹಾಡಿದ್ದನ್ನು ಪೂರಾ ಹಿಡಿ. ನಡುವೆ ತಡೆಯಬೇಡ, ಮತ್ತೆ ಹಾಡಿಸಬೇಡ. ಕ್ಯಾಮೆರಾ ಎಲ್ಲಿದ್ದರೂ ನಡೆಯುತ್ತದೆ, ದನಿ ಮಾತ್ರ ತಪ್ಪಬಾರದು. ಅದರ ಒಂದು ಪ್ರತಿ ಅವರ ಮನೆಯಲ್ಲಿರಲಿ. ನಿನ್ನ ಚಿತ್ರ, ಎಡಿಟಿಂಗು, ಫೆಸ್ಟಿವಲ್ಲು ಎಲ್ಲ ಆಮೇಲಿನ ಮಾತು.

ಟೇಪು ದುಬಾರಿ ಅನ್ನುವ ನೆಪ ನಮಗಿತ್ತು. ನಿನಗೆ ಅದೂ ಇಲ್ಲ. 24 ಬಿಟ್, 48 ಕಿಲೋಹರ್ಟ್ಜಿನಲ್ಲಿ ಸ್ಟೀರಿಯೋ ತುಂಬಿದರೂ ಒಂದು ತಾಸಿಗೆ ಸುಮಾರು 1 ಜಿಬಿ. ನಿನ್ನ ಮೊಬೈಲಿನಲ್ಲಿ ಅದಕ್ಕಿಂತ ಜಾಸ್ತಿ ರೀಲ್ಸ್ ತುಂಬಿರುತ್ತವೆ, ಅಲ್ವಾ? ಭಜನೆಗೆ ಕೂತವರು ಚಹಾ ಕುಡಿಯಲು ಎದ್ದರೂ ರೆಕಾರ್ಡರ್ ಬಂದ್ ಮಾಡಬೇಡ. ಪದದ ಅರ್ಥ, ಯಾರ ಹತ್ತಿರ ಕಲಿತದ್ದು, ಯಾವ ಊರಿನವರು ಹೇಗೆ ತಪ್ಪು ಹಾಡುತ್ತಾರೆ, ಎಲ್ಲ ಮಾತೂ ಬರುವುದು ಆ ಚಹಾದ ಹೊತ್ತಿನಲ್ಲೇ. ರೆಕಾರ್ಡರಿನಲ್ಲಿ ದನಿಯ ಲೆವೆಲ್ಲು ಮೈನಸ್ 12 ಡೆಸಿಬೆಲ್ಲಿನ ಸುತ್ತ ಆಡುತ್ತಿರಲಿ. ಆದರೆ ಹೋಳಿಯಲ್ಲಿ ಹುಬ್ಬಳ್ಳಿಗೆ ಬಂದು ಜಗ್ಗಲಿಗೆ ತುಂಬುವುದಾದರೆ ಈ ಲೆಕ್ಕ ಹಿಡಿದು ಕೂರಬೇಡ. ಇನ್ನೂ ಕೆಳಗೆ ಇಟ್ಟು ನಾಲ್ಕು ಮಾರು ದೂರ ನಿಲ್ಲು. ಚಕ್ಕಡಿ ಗಾಲಿಗೆ ಚರ್ಮ ಬಿಗಿದ ವಾದ್ಯ ಅದು, ಮೈಕಿಗಿಂತ ಮೊದಲು ನಿನ್ನ ಎದೆ ನಡುಗುತ್ತದೆ.

ಮಳೆಗಾಲದಲ್ಲಿ ಕಟ್ಟೆ ಮೇಲೆ ದೊಡ್ಡ ಲೈಟು ಹಚ್ಚಬೇಡ. ಹುಳ ಮುತ್ತುತ್ತವೆ. ನಿನಗೇನು, ಬಾಯಿ ಮುಚ್ಚಿಕೊಂಡು ಕ್ಯಾಮೆರಾ ಹಿಂದೆ ನಿಂತಿರುತ್ತೀ. ಬಾಯಿ ತೆರೆದು ಹಾಡುವವರ ಗತಿ ಏನು? ಗುಡಿಯ ಟ್ಯೂಬ್‌ಲೈಟೇ ಸಾಕು. ನಮ್ಮ ಕರೆಂಟು 50 ಹರ್ಟ್ಜು, ಕ್ಯಾಮೆರಾದ ಶಟರ್ ಸೆಕೆಂಡಿನ 50ರಲ್ಲಿ ಒಂದಕ್ಕೆ ಇಟ್ಟರೆ ಬೆಳಕು ಮಿಣುಕುವುದಿಲ್ಲ.

ಇನ್ನು ಡ್ರೋನು. ಮೇಲಿನಿಂದ ನೋಡಿದರೆ ಶಿಶುನಾಳವೂ ಒಂದೇ, ಕುಂದಗೋಳವೂ ಒಂದೇ. ಹೊಲ, ಕೆರೆ, ಹಂಚಿನ ಮನೆ, ಅಷ್ಟೇ. ಗಂಗೂಬಾಯಿ ಹಾನಗಲ್ಲರು ಸವಾಯಿ ಗಂಧರ್ವರ ಹತ್ತಿರ ಕಲಿಯಲು ಹುಬ್ಬಳ್ಳಿಯಿಂದ ಕುಂದಗೋಳಕ್ಕೆ ರೈಲಿನಲ್ಲಿ ಓಡಾಡುತ್ತಿದ್ದರು. ಆ ಓಡಾಟವನ್ನು ತೋರಿಸಬೇಕಾದವರು ಆ ರೈಲು ಹತ್ತಬೇಕು, ಆ ದಾರಿಯ ಸದ್ದು ಕೇಳಬೇಕು. ಡ್ರೋನಿನ ದುಡ್ಡನ್ನು ಹಾಡುವವರ ಸಾಲಿಗೆ ಹಾಕು.

ದೊಡ್ಡ ಗಾಯಕರ ಚಿಂತೆ ಬೇಡ. ಧಾರವಾಡ ಆಕಾಶವಾಣಿ 1950ರಲ್ಲಿ ಶುರುವಾಯಿತು. ಮಲ್ಲಿಕಾರ್ಜುನ ಮನ್ಸೂರರು, ಗಂಗೂಬಾಯಿ, ಬಸವರಾಜ ರಾಜಗುರು, ಇವರ ದನಿಯನ್ನು ರೇಡಿಯೋದವರು, ರೆಕಾರ್ಡಿನ ಕಂಪನಿಯವರು ಹಿಡಿದಿಟ್ಟಿದ್ದಾರೆ. ಮನ್ಸೂರರ ‘ಮೃತ್ಯುಂಜಯ’ ಮನೆಯನ್ನು ಸ್ಮಾರಕ ಮಾಡಿದ್ದಾರೆ, ಹೋಗಿ ನೋಡಬಹುದು. ಕಟ್ಟೆಯ ಮೇಲೆ ಹಾಡಿ ಮುಂಜಾನೆ ಹೊಲಕ್ಕೆ ಹೋಗುವವರ ದನಿ ಯಾರ ಕಪಾಟಿನಲ್ಲೂ ಇಲ್ಲ. ನಿನ್ನ ವಿಷಯ ಚೆನ್ನಾಗಿದೆ ಅಂದದ್ದು ಇದಕ್ಕೇ.

ಶಾಲಿನ ಮಾತು. ಒಬ್ಬೊಬ್ಬ ಭಜನೆಯವರ ಮನೆಯಲ್ಲಿ ಶಾಲು ಗಂಟು ಕಟ್ಟಿ ಅಟ್ಟಕ್ಕೆ ಎಸೆದಿರುತ್ತಾರೆ. ಕ್ಯಾಮೆರಾ ಹುಡುಗನಿಗೆ ದಿನಕ್ಕಿಷ್ಟು ಅಂತ ಕೊಡುತ್ತೀ. ಹಾಡುವವರಿಗೂ ದಿನಕ್ಕಿಷ್ಟು ಅಂತ ಕೊಡು, ಮೊದಲೇ ಮಾತಾಡಿಕೊಂಡು ಕೊಡು, ತಾಳ ಹಾಕುವವರನ್ನೂ ಸೇರಿಸಿ. ಒಪ್ಪಿಗೆ ಬರೆಸಿಕೊಳ್ಳುವ ಕಾಗದ ಕನ್ನಡದಲ್ಲಿರಲಿ, ಓದಿ ಹೇಳು. ಕಾಪಿರೈಟ್ ಕಾಯ್ದೆಯಲ್ಲಿ ಈಗ ಹಾಡುವವರಿಗೂ ತಮ್ಮ ಹಾಡಿಕೆಯ ಮೇಲೆ 50 ವರ್ಷದ ಹಕ್ಕಿದೆ. ಇದು ಅವರಿಗೆ ಗೊತ್ತಿರುವುದಿಲ್ಲ, ನೀನೇ ಹೇಳಬೇಕು. ಶರೀಫರು ತೀರಿಕೊಂಡದ್ದು 1889ರಲ್ಲಿ, ಪದಕ್ಕೆ ಯಾರ ಅಪ್ಪಣೆಯೂ ಬೇಡ. ಆದರೆ ಯಾವುದೋ ಕಂಪನಿಯ ಕ್ಯಾಸೆಟ್ಟಿನಿಂದ ಎತ್ತಿ ಹಿನ್ನೆಲೆಗೆ ಹಾಕಿದರೆ ಸಿಕ್ಕಿಬೀಳುತ್ತೀ. ಹಾಕುವ ಗರಜೂ ಇಲ್ಲ. ಕ್ಯಾಸೆಟ್ಟಿನ ಧಾಟಿಯೇ ಬೇರೆ, ಕಟ್ಟೆಯ ಧಾಟಿಯೇ ಬೇರೆ.

ಪುಣ್ಯಾಶ್ರಮಕ್ಕೆ ಹೋದಾಗ ಒಂದು ನೆನಪಿಡು. ಅಲ್ಲಿ ಕಣ್ಣಿಲ್ಲದ ಮಕ್ಕಳು ಸಂಗೀತ ಕಲಿಯುತ್ತಾರೆ. ಅವರಿಗೆ ನಿನ್ನ ಕ್ಯಾಮೆರಾದ ಕೆಂಪು ದೀಪ ಕಾಣುವುದಿಲ್ಲ. ಚಾಲೂ ಮಾಡುವಾಗ ‘ಈಗ ಚಾಲೂ ಮಾಡಿದೆ’ ಅಂತ, ನಿಲ್ಲಿಸುವಾಗ ‘ನಿಲ್ಲಿಸಿದೆ’ ಅಂತ ಬಾಯಿಬಿಟ್ಟು ಹೇಳು. ಮೈಕು ಸಿಗಿಸುವ ಮೊದಲು ಅವರ ಕೈಗೆ ಕೊಟ್ಟು ಮುಟ್ಟಿಸು. ಆಮೇಲೆ ನೋಡು, ನಿನ್ನ ರೆಕಾರ್ಡಿಂಗಿನಲ್ಲಿ ಫ್ಯಾನಿನ ಸದ್ದು ಬರುತ್ತಿದೆ ಅಂತ ಅವರೇ ಹೇಳುತ್ತಾರೆ.

ಹೊಟ್ಟೆಪಾಡು. ಅಪ್ಪನ ಭಯ ಸುಳ್ಳಲ್ಲ. ಮೊದಲು ಈ ಕೆಲಸಕ್ಕೆ ಸರ್ಕಾರದ್ದೇ ಒಂದು ಮನೆ ಇತ್ತು, 1948ರ ಫಿಲ್ಮ್ಸ್ ಡಿವಿಜನ್. ನಮ್ಮ ಗದಗ ಸೀಮೆಯ ಭೀಮಸೇನ ಜೋಶಿಯವರ ಮೇಲೆ ಗುಲ್ಜಾರ್ ಸಾಕ್ಷ್ಯಚಿತ್ರ ಮಾಡಿದ್ದು ಆ ಸಂಸ್ಥೆಗೇ. 2022ರಲ್ಲಿ ಅದನ್ನು ಸರ್ಕಾರದ ಚಲನಚಿತ್ರ ನಿಗಮ ಎನ್‌ಎಫ್‌ಡಿಸಿ ಒಳಗೆ ಸೇರಿಸಿಬಿಟ್ಟರು. ಬೆಂಗಳೂರಿನಲ್ಲಿ ಇಂಡಿಯಾ ಫೌಂಡೇಶನ್ ಫಾರ್ ದಿ ಆರ್ಟ್ಸ್ ಇದೆ, 1995ರಿಂದ ಅನುದಾನ ಕೊಡುತ್ತಾ ಬಂದಿದೆ. ಅರ್ಜಿ ಕನ್ನಡದಲ್ಲೇ ಬರೆದು ಹಾಕು, ನಿನ್ನ ಕನ್ನಡ ನಿನ್ನ ಇಂಗ್ಲಿಷಿಗಿಂತ ಚಲೋ ಇದೆ. ಸಿಕ್ಕರೆ ಒಂದು ಚಿತ್ರಕ್ಕಾಯಿತು. ಅದರಿಂದ ಮನೆ ಬಾಡಿಗೆ ಹೋಗುವುದಿಲ್ಲ.

ಪುಟ್ಟರಾಜ ಗವಾಯಿಗಳು ಏನು ಮಾಡಿದರು ಗೊತ್ತಾ? 1944ರಲ್ಲಿ ಗುರು ಪಂಚಾಕ್ಷರಿ ಗವಾಯಿಗಳು ಹೋದ ಮೇಲೆ ಪುಣ್ಯಾಶ್ರಮದ ಭಾರ ಅವರ ಮೇಲೆ ಬಿತ್ತು. ಅಷ್ಟು ಮಕ್ಕಳ ಊಟ, ಪಾಠ. ಅದಕ್ಕಾಗಿ ನಾಟಕ ಕಂಪನಿ ನಡೆಸಿದರು. ಊರೂರಿಗೆ ಕ್ಯಾಂಪು, ಟಿಕೆಟ್ಟು, ಪರದೆ. ನಾಟಕದ ಗಲ್ಲೆಯಿಂದ ಸಂಗೀತ ಉಳಿಯಿತು. ನೀನು ಮದುವೆ ವಿಡಿಯೋ ಎಡಿಟ್ ಮಾಡಲು ನಾಚಿಕೆ ಪಟ್ಟುಕೊಂಡರೆ ನನಗೆ ನಗು ಬರುತ್ತದೆ. ನೌಕರಿ ಇವತ್ತೇ ಬಿಡಬೇಡ. ವಾರಕ್ಕೆ ಮೂರು ದಿನದ ಕೆಲಸ ಕೊಡುತ್ತೀರಾ ಅಂತ ಮೊದಲು ಕೇಳು. ಕ್ಯಾಮೆರಾ ಬಾಡಿಗೆಗೆ ಸಿಗುತ್ತದೆ, ಸಾಲ ಮಾಡಿ ಕೊಳ್ಳಬೇಡ. ಕೊಳ್ಳುವುದೇ ಆದರೆ ಒಳ್ಳೆ ಮೈಕು, ಒಳ್ಳೆ ಹೆಡ್‌ಫೋನು, ಮೂರು ಹಾರ್ಡ್‌ಡಿಸ್ಕು. ಒಂದು ನಿನ್ನ ಹತ್ತಿರ, ಒಂದು ನನ್ನ ಕಪಾಟಿನಲ್ಲಿ, ಒಂದು ಅಪ್ಪನ ಹತ್ತಿರ. ಕಾಯುವ ಕೆಲಸ ಕೊಟ್ಟರೆ ಅವನ ಸಿಟ್ಟೂ ಇಳಿಯುತ್ತದೆ.

12 ದಿನ ಸಾಲದು. ನಾಲ್ಕು ಸೋಮವಾರ ಕ್ಯಾಮೆರಾ ಇಲ್ಲದೆ ಹೋಗು. ತಾಳ ಕೊಟ್ಟರೆ ಬಾರಿಸು, ತಪ್ಪಿದರೆ ನಗುತ್ತಾರೆ, ನಗಲಿ. ಐದನೇ ಸಲ ಮೈಕು ಒಯ್ದರೆ ಯಾರೂ ಅದನ್ನು ನೋಡುವುದಿಲ್ಲ.

ಆ ಅಜ್ಜನ ಮಗ ಈಗ ಅದೇ ಕಟ್ಟೆಯಲ್ಲಿ ಏಕತಾರಿ ಹಿಡಿಯುತ್ತಾನೆ. ಹೋದ ಶ್ರಾವಣದಲ್ಲಿ ಕೇಳಿ ಬಂದೆ. ಅವನೂ ಹಿಂದೆ ಉಳಿಯುತ್ತಾನೆ, ಆದರೆ ಕೊಡ ಅಷ್ಟು ಕೆಳಗೆ ಇಳಿಯುವುದಿಲ್ಲ. ಅವನಿಗೆ ಅದು ಗೊತ್ತಿದೆ, ಹಾಡಿ ಮುಗಿಸಿ ನನ್ನ ಕಡೆ ಒಂದು ಸಲ ನೋಡಿದ. ನಿನ್ನ ಪಟ್ಟಿಯಲ್ಲಿ ಆ ಊರು ಇಲ್ಲ. ಸೇರಿಸಿದರೆ ನಾನೂ ಬರುತ್ತೇನೆ, ಮೈಕು ನಾನೇ ಹಿಡಿಯುತ್ತೇನೆ. ಕೂಲಿ ಬೇಡ, ಮಿರ್ಚಿ ಭಜಿ ಕೊಡಿಸಿದರೆ ಸಾಕು.

ಮುಂದಿನ ಸೋಮವಾರಕ್ಕೆ ಬರುವುದಾದರೆ ಭಾನುವಾರ ಸಂಜೆಯೇ ಬಾ. ಹುಬ್ಬಳ್ಳಿಯಿಂದ ಶಿಗ್ಗಾವಿಗೆ ಬಸ್ಸಿಗೇನೂ ಕೊರತೆ ಇಲ್ಲ, ಅಲ್ಲಿಂದ ಹಳ್ಳಿಗೆ ಮಾತ್ರ ಕತ್ತಲಾಗುವ ಮೊದಲು ಹೊರಡಬೇಕು. ಹೋದ ಸಲ ಒಯ್ದ ಉಪ್ಪಿನಕಾಯಿ ಬರಣಿ ವಾಪಸ್ ತರಬೇಕಂತೆ. ಕಾಕು ಎರಡು ಸಲ ಹೇಳಿದ್ದಾಳೆ.

ನಿನ್ನ ಕಾಕಾ