ಇನ್ನು ಮುಂದೆ ಮನೆ ಸಾಲಕ್ಕೆ ಹದಿನೈದೇ ವರ್ಷ: ಸದಸ್ಯರಿಗೆ ಒಂದು ಪತ್ರ

ನವನಗರ, ಬಾಗಲಕೋಟೆ

ಪ್ರಿಯ ಸದಸ್ಯರೇ,

ನಮಸ್ಕಾರ. ಬರುವ ಏಪ್ರಿಲ್ 1ರಿಂದ ನಮ್ಮ ಪತ್ತಿನ ಸಹಕಾರಿ ಸಂಘದಲ್ಲಿ ಹೊಸ ಮನೆ ಸಾಲ 15 ವರ್ಷಕ್ಕಿಂತ ಹೆಚ್ಚಿನ ಅವಧಿಗೆ ಸಿಗುವುದಿಲ್ಲ. ಇಲ್ಲಿಯವರೆಗೆ 20 ವರ್ಷ ಇತ್ತು. ಈಗಾಗಲೇ ಸಾಲ ಪಡೆದವರು ಗಾಬರಿಯಾಗಬೇಡಿ, ನಿಮ್ಮ ಅವಧಿ, ಕಂತು, ಬಡ್ಡಿದರ ಯಾವುದೂ ಬದಲಾಗಲ್ಲ. ಇದರ ಜೊತೆಗೆ ಇನ್ನೂ ಎರಡು ಬದಲಾವಣೆ ಇವೆ. ಸಾಲದ ಕಾಗದಕ್ಕೆ ಸಹಿ ಹಾಕುವ ಮುಂಚೆ ಪ್ರತಿಯೊಬ್ಬರಿಗೂ ಕನ್ನಡದಲ್ಲಿ ಒಂದು ಪುಟದ ಲೆಕ್ಕದ ಹಾಳೆ ಕೊಡುತ್ತೇವೆ. ಹಾಗೆಯೇ, ಹಳೆಯ ಸಾಲಗಾರರೂ ಸೇರಿ ಯಾರು ಬೇಕಾದರೂ ಕೈಗೆ ರೊಕ್ಕ ಬಂದಾಗ ಅಸಲಿಗೆ ಹೆಚ್ಚಿಗೆ ತುಂಬಬಹುದು. ಅದಕ್ಕೆ ಯಾವ ಶುಲ್ಕವೂ ಇಲ್ಲ.

ಆಡಳಿತ ಮಂಡಳಿಯ ಈ ನಿರ್ಧಾರ ಗೊತ್ತಾದಾಗಿನಿಂದ ಕೌಂಟರಿನಲ್ಲಿ ಒಂದೇ ಮಾತು ಕೇಳಿಬರುತ್ತಿದೆ. "ಕಂತು ಜಾಸ್ತಿ ಆಗ್ತದಲ್ರಿ?" ಹೌದು, ಆಗುತ್ತದೆ. ಅಷ್ಟಾದರೂ ಯಾಕೆ ಹೀಗೆ ಮಾಡಿದೆವು ಅನ್ನುವುದನ್ನು ಪೂರ್ತಿ ಹೇಳಬೇಕಾದದ್ದು ನಮ್ಮ ಕೆಲಸ. ಸ್ವಲ್ಪ ಉದ್ದ ಆಗುತ್ತದೆ, ದಯವಿಟ್ಟು ಕೂತು ಓದಿ. ಮನೆಯಲ್ಲಿ ಓದಲು ಬಾರದ ಹಿರಿಯರಿದ್ದರೆ ಅವರಿಗೂ ಓದಿ ಹೇಳಿ.

ಹೋದ ವರ್ಷ ನಮ್ಮ ಸದಸ್ಯರೊಬ್ಬರು ಸಾಲದ ಖಾತೆಯ ಉತಾರ ಹಿಡಿದುಕೊಂಡು ಬಂದರು. ಶಾಲೆ ಮಾಸ್ತರು. ಅವರ ಮನೆತನ ಆಲಮಟ್ಟಿ ಹಿನ್ನೀರಿನ ಮುಳುಗಡೆಯಲ್ಲಿ ಹಳೆ ಬಾಗಲಕೋಟೆಯ ಮನೆ ಬಿಟ್ಟು ನವನಗರಕ್ಕೆ ಬಂದದ್ದು. ಇಲ್ಲಿ ಸ್ವಂತ ಮನೆ ಕಟ್ಟಲು ನಮ್ಮಲ್ಲಿ 10 ಲಕ್ಷ ಸಾಲ ಮಾಡಿದ್ದರು. ಬಡ್ಡಿ ವರ್ಷಕ್ಕೆ ಶೇಕಡಾ 9, ಅವಧಿ 20 ವರ್ಷ, ಕಂತು 8,997 ರೂಪಾಯಿ. ಐದು ವರ್ಷದಲ್ಲಿ ಒಂದು ಕಂತೂ ತಪ್ಪಿಸಿರಲಿಲ್ಲ. ಉತಾರದ ಕೊನೆಯ ಸಾಲಿನ ಮೇಲೆ ಬೆರಳಿಟ್ಟು ಕೇಳಿದರು: "ಸರ, ಐದು ಲಕ್ಷ ನಲವತ್ತು ಸಾವಿರ ತುಂಬೀನಿ. ಬಾಕಿ ಇನ್ನೂ ಎಂಟು ಲಕ್ಷ ಎಂಬತ್ತೇಳು ಸಾವಿರ ತೋರಸ್ತದ. ನನ್ನ ರೊಕ್ಕ ಎಲ್ಲಿ ಹೋತು?"

ಎಲ್ಲೋ ಲೆಕ್ಕ ತಪ್ಪಿರಬೇಕು ಅಂದುಕೊಂಡೆವು. ಕೂತು ಅರವತ್ತೂ ತಿಂಗಳು ತಾಳೆ ನೋಡಿದೆವು. ಪೈಸೆಯೂ ತಪ್ಪಿರಲಿಲ್ಲ. ನಮಗೆ ನೋವಾದದ್ದು ಅಲ್ಲೇ. ಅವರು ಸಹಿ ಹಾಕಿದ ದಿನ ನಾವು ಹೇಳಿದ್ದು ಒಂದೇ ಮಾತು: "ಒಂಬತ್ತು ಸಾವಿರದ ಒಳಗ ಐತಿ, ನಿಮ್ಮ ಪಗಾರಕ್ಕ ಹೊಂದತೈತಿ." ಐದು ವರ್ಷ ಆದಮೇಲೆ ಬಾಕಿ ಎಷ್ಟಿರುತ್ತದೆ ಅಂತ ಅವರು ಕೇಳಲಿಲ್ಲ, ನಾವೂ ಹೇಳಲಿಲ್ಲ. ಕೇಳದಿದ್ದರೂ ಹೇಳಬೇಕಾಗಿತ್ತು.

ಆ ರೊಕ್ಕ ಎಲ್ಲಿ ಹೋಗುತ್ತದೆ ಅಂತ ಈಗ ನೋಡೋಣ. ವರ್ಷಕ್ಕೆ 9 ಅಂದರೆ ನಮ್ಮ ಕಡೆಯ ಲೆಕ್ಕದಲ್ಲಿ ತಿಂಗಳಿಗೆ ನೂರಕ್ಕೆ ಮುಕ್ಕಾಲು ರೂಪಾಯಿ. ಬಾಕಿ 10 ಲಕ್ಷ ಇದ್ದಾಗ ಮೊದಲ ತಿಂಗಳ ಬಡ್ಡಿಯೇ 7,500 ಆಯಿತು. ತುಂಬಿದ್ದು 8,997. ಅಸಲಿಗೆ ಹೋದದ್ದು ಬರೀ 1,497 ರೂಪಾಯಿ. ಎರಡನೇ ತಿಂಗಳು ಬಾಕಿ ಅಷ್ಟೇ ಅಷ್ಟು ಇಳಿದಿರುತ್ತದೆ, ಹಾಗಾಗಿ ಬಡ್ಡಿಯೂ ಹನ್ನೊಂದು ರೂಪಾಯಿಯಷ್ಟು ಮಾತ್ರ ಇಳಿಯುತ್ತದೆ. ಹೀಗೇ ನಿಧಾನಕ್ಕೆ ಸಾಗುತ್ತದೆ. ಕಂತಿನಲ್ಲಿ ಬಡ್ಡಿಗಿಂತ ಅಸಲಿನ ಪಾಲು ಹೆಚ್ಚಾಗುವುದಕ್ಕೇ 12 ವರ್ಷ ದಾಟಬೇಕು. 10 ಲಕ್ಷದ ಅಸಲು ಅರ್ಧಕ್ಕೆ ಇಳಿಯುವ ಹೊತ್ತಿಗೆ 14 ವರ್ಷ ಆಗಿರುತ್ತದೆ! ಉಳಿದ ಅರ್ಧ ಕೊನೆಯ ಆರೇ ವರ್ಷದಲ್ಲಿ ತೀರುತ್ತದೆ. 20 ವರ್ಷ ಪೂರ್ತಿ ತುಂಬಿದರೆ ಒಟ್ಟು 21 ಲಕ್ಷ 59 ಸಾವಿರ ಆಗುತ್ತದೆ. ಅದರಲ್ಲಿ ಬಡ್ಡಿಯೇ 11 ಲಕ್ಷ 59 ಸಾವಿರ, ಅಂದರೆ ತಂದ ಸಾಲಕ್ಕಿಂತ ಬಡ್ಡಿಯೇ ಜಾಸ್ತಿ.

ಅದೇ ಸಾಲ 15 ವರ್ಷಕ್ಕೆ ಅಂದರೆ ಕಂತು 10,143. ತಿಂಗಳಿಗೆ 1,146 ರೂಪಾಯಿ ಹೆಚ್ಚು. ಒಟ್ಟು ತುಂಬುವುದು 18 ಲಕ್ಷ 26 ಸಾವಿರ. ಉಳಿಯುವುದು 3 ಲಕ್ಷ 33 ಸಾವಿರ. ಅವಧಿ ಇನ್ನೂ ಎಳೆದರೆ ಏನಾಗುತ್ತದೆ ಅನ್ನುವುದನ್ನೂ ಹೇಳಬೇಕು. ಈಗ ಪೇಟೆಯಲ್ಲಿ 30 ವರ್ಷದ ಸಾಲ ಕೊಡುವವರೂ ಇದ್ದಾರೆ. 20ರಿಂದ 30ಕ್ಕೆ ಹೋದರೆ ಕಂತು ಕಡಿಮೆ ಆಗುವುದು ತಿಂಗಳಿಗೆ 951 ರೂಪಾಯಿ ಮಾತ್ರ. ಬಡ್ಡಿ ಹೆಚ್ಚಾಗುವುದು 7 ಲಕ್ಷ 37 ಸಾವಿರ. ಅವಧಿ ಉದ್ದ ಆದಷ್ಟೂ ಕಂತಿನಲ್ಲಿ ಸಿಗುವ ಅನುಕೂಲ ಸಣ್ಣದಾಗುತ್ತಾ, ಬಡ್ಡಿಯ ಭಾರ ದೊಡ್ಡದಾಗುತ್ತಾ ಹೋಗುತ್ತದೆ.

"1,146 ನಿಮಗೆ ಸಣ್ಣದು, ನಮಗಲ್ಲ" ಅಂತ ಗುಳೇದಗುಡ್ಡದ ಸದಸ್ಯರೊಬ್ಬರು ನೇರವಾಗಿ ಹೇಳಿದರು. ಮಗ್ಗದ ಮನೆಗಳಲ್ಲಿ ಒಂದು ತಿಂಗಳು ಇದ್ದ ಕೂಲಿ ಇನ್ನೊಂದು ತಿಂಗಳು ಇರಲ್ಲ. ಅವರ ಮಾತು ಖರೆ. ಹಾಗಾಗಿ ಕಂತು ಅಷ್ಟೇ ಇಟ್ಟುಕೊಂಡು ನೋಡಿದೆವು. ತಿಂಗಳಿಗೆ 8,997 ಮಾತ್ರ ತುಂಬಲು ಆಗುತ್ತದೆ ಅಂದರೆ, 15 ವರ್ಷಕ್ಕೆ ಎಷ್ಟು ಸಾಲ ಸಿಗುತ್ತದೆ? 8 ಲಕ್ಷ 87 ಸಾವಿರ.

ಈ ಅಂಕಿ ಮೇಲೆ ಒಮ್ಮೆ ಬಂದಿದೆ, ಗಮನಿಸಿದಿರಾ? ಐದು ವರ್ಷ ತುಂಬಿದ ಮೇಲೆ ಮಾಸ್ತರರ ಖಾತೆಯಲ್ಲಿ ಉಳಿದ ಬಾಕಿಯೂ ಅಷ್ಟೇ. ಅಂದರೆ ಮೊದಲ ದಿನವೇ ಅವರು 1 ಲಕ್ಷ 13 ಸಾವಿರ ಕಡಿಮೆ ಸಾಲ ಮಾಡಿದ್ದರೆ, ಅದೇ ಕಂತಿನಲ್ಲಿ ಐದು ವರ್ಷ ಮೊದಲೇ ಸಾಲ ಮುಗಿಯುತ್ತಿತ್ತು. ಆ 1 ಲಕ್ಷ 13 ಸಾವಿರಕ್ಕೆ ಅವರು ಕೊಡುತ್ತಿರುವ ಬೆಲೆ ಐದು ವರ್ಷದ ಕಂತು, 5 ಲಕ್ಷ 40 ಸಾವಿರ. ಈ ಲೆಕ್ಕ ತೋರಿಸಿದಾಗ ಅವರು ಬಹಳ ಹೊತ್ತು ಮಾತಾಡಲಿಲ್ಲ. ಆಮೇಲೆ ಅಂದರು: "ಕಾಂಪೌಂಡು, ಮೆಟ್ಟಲಿಗೆ ಗ್ರಾನೈಟ್ ಆಮ್ಯಾಲ ಮಾಡಬಹುದಿತ್ತು."

ಅವಧಿ ಇಳಿಸಬೇಕು ಅಂತ ಮಂಡಳಿ ತೀರ್ಮಾನಿಸಿದ್ದು ಆ ಮಾತಿನಿಂದಲೇ. ಮನೆಯನ್ನು ಒಂದೇ ಸಲ ಪೂರ್ತಿ ಮುಗಿಸಬೇಕು ಅನ್ನುವ ಆಸೆ ನಮಗೆ ಅರ್ಥವಾಗುತ್ತದೆ. ವಾಸ್ತು ಶಾಂತಿಗೆ ಬೀಗರು ಬರುತ್ತಾರೆ, ಅರೆಬರೆ ಮನೆ ತೋರಿಸಲು ಮನಸ್ಸಾಗಲ್ಲ. ಆದರೆ ಇರಲು ಬೇಕಾದಷ್ಟು ಕಟ್ಟಿ, ಉಳಿದದ್ದನ್ನು ಪಿಗ್ಮಿ ಕೂಡಿಸಿ ಎರಡು ಮೂರು ವರ್ಷದ ನಂತರ ಮಾಡಿಸಿದರೆ ಒಂದು ಲಕ್ಷದ ಕೆಲಸ ಒಂದು ಲಕ್ಷಕ್ಕೆ, ಹೆಚ್ಚೆಂದರೆ ಸಿಮೆಂಟು ಕಬ್ಬಿಣದ ರೇಟು ಏರಿದ್ದಕ್ಕೆ ಸ್ವಲ್ಪ ಮೇಲೆ ಆಗುತ್ತದೆ. ಐದು ಲಕ್ಷ ಅಂತೂ ಆಗಲ್ಲ.

ಇದಕ್ಕೆ ಇನ್ನೊಂದು ವಾದವೂ ಇದೆ. ಹದಿನೈದು ವರ್ಷದ ನಂತರದ 9 ಸಾವಿರ ಇವತ್ತಿನ 9 ಸಾವಿರದಷ್ಟು ಭಾರ ಇರಲ್ಲ, ಪಗಾರ ಏರಿರುತ್ತದೆ, ಹಾಗಾಗಿ ಉದ್ದ ಸಾಲವೇ ಲಾಭ ಅನ್ನುವವರಿದ್ದಾರೆ. ತಪ್ಪಿಲ್ಲ. ಪಗಾರ ಪ್ರತಿ ವರ್ಷ ಏರುವವರಿಗೆ, ಮಿಕ್ಕ ರೊಕ್ಕವನ್ನು ತಪ್ಪದೆ ಬೇರೆ ಕಡೆ ತೊಡಗಿಸುವವರಿಗೆ ಅದು ಹೊಂದಬಹುದು. ನಮ್ಮ ಸದಸ್ಯರಲ್ಲಿ ಹೆಚ್ಚಿನವರು ನೇಕಾರರು, ಕಬ್ಬು ಬೆಳೆಯುವವರು, ಸಣ್ಣ ಅಂಗಡಿ ಇಟ್ಟವರು. ಅವರಿಗೆ ಅರವತ್ತರ ವಯಸ್ಸಿಗೆ ಸಾಲ ಇಲ್ಲದ ಮನೆ ಇರುವುದೇ ದೊಡ್ಡ ಆಧಾರ ಅಂತ ನಾವು ನಂಬಿದ್ದೇವೆ.

ತೆರಿಗೆ ಉಳಿಯುತ್ತದೆ ಅಂತ ಸಾಲ ಉದ್ದ ಎಳೆಯುವ ನೌಕರರಿಗೂ ಒಂದು ಮಾತು. ಸ್ವಂತ ವಾಸದ ಮನೆಯ ಬಡ್ಡಿಗೆ ವರ್ಷಕ್ಕೆ 2 ಲಕ್ಷದವರೆಗೆ ಸಿಗುವ ವಿನಾಯಿತಿ ಆದಾಯ ತೆರಿಗೆಯ ಹಳೆಯ ಪದ್ಧತಿಯಲ್ಲಿ ಮಾತ್ರ. ಹೊಸ ಪದ್ಧತಿ ಆರಿಸಿಕೊಂಡವರಿಗೆ ಅದು ಇಲ್ಲ.

ಈಗ ಹೆಚ್ಚುವರಿ ತುಂಬುವ ವಿಷಯ. ಮುಧೋಳ, ಜಮಖಂಡಿ ಕಡೆಯ ಸದಸ್ಯರು ಇದನ್ನು ಎರಡು ಸಲ ಓದಬೇಕು. ಕಬ್ಬಿನ ಬಿಲ್ಲು ಬಂದಾಗ ಕೈಯಲ್ಲಿ ರೊಕ್ಕ ಇರುತ್ತದೆ, ಆಮೇಲೆ ಇರಲ್ಲ. ಮೇಲೆ ಹೇಳಿದ 20 ವರ್ಷದ ಸಾಲದಲ್ಲೇ, ಮೊದಲ ವರ್ಷದ ಕೊನೆಗೆ ಒಂದು ಸಲ 50 ಸಾವಿರ ಅಸಲಿಗೆ ತುಂಬಿದರೆ ಸಾಲ 27 ತಿಂಗಳು ಮೊದಲೇ ಮುಗಿಯುತ್ತದೆ. ಉಳಿಯುವ ಬಡ್ಡಿ ಹತ್ತಿರ ಹತ್ತಿರ 2 ಲಕ್ಷ. ಅದೇ 50 ಸಾವಿರವನ್ನು 15ನೇ ವರ್ಷದ ಕೊನೆಗೆ ತುಂಬಿದರೆ ಉಳಿಯುವುದು ಸುಮಾರು 26 ಸಾವಿರ ಮಾತ್ರ. ಒಂದೇ ರೊಕ್ಕ, ಒಂದೇ ಸಾಲ. ಬೇಗ ತುಂಬಿದ್ದಕ್ಕೆ ಇಷ್ಟು ಫರಕು! 50 ಸಾವಿರ ಒಟ್ಟಿಗೆ ಆಗದಿದ್ದರೆ, ವರ್ಷಕ್ಕೆ ಒಂದೇ ಒಂದು ಕಂತು ಹೆಚ್ಚಿಗೆ ಕಟ್ಟಿ. 20 ವರ್ಷದ ಸಾಲ ಸುಮಾರು ಹದಿನಾರೂವರೆ ವರ್ಷಕ್ಕೆ ತೀರುತ್ತದೆ, 2 ಲಕ್ಷ 30 ಸಾವಿರಕ್ಕಿಂತ ಹೆಚ್ಚು ಬಡ್ಡಿ ಉಳಿಯುತ್ತದೆ.

ತುಂಬುವಾಗ ಚಲನ್ ಮೇಲೆ "ಅಸಲಿಗೆ" ಅಂತ ಬರೆಸಿ. ಬರೆಸದಿದ್ದರೆ ಅದು ಮುಂದಿನ ಕಂತಿನ ಮುಂಗಡ ಅಂತ ಜಮಾ ಆಗಬಹುದು, ಆಗ ಈ ಲಾಭ ಸಿಗಲ್ಲ. ನಮ್ಮಲ್ಲಿ ಇನ್ನು ಮುಂದೆ ಹೆಚ್ಚುವರಿ ತುಂಬಿದರೆ ಕಂತು ಅಷ್ಟೇ ಇಟ್ಟು ಅವಧಿ ಇಳಿಸುತ್ತೇವೆ. ಕಂತೇ ಇಳಿಯಬೇಕು ಅನ್ನುವವರು ಬರೆದುಕೊಟ್ಟರೆ ಹಾಗೆ ಮಾಡುತ್ತೇವೆ.

ಲೆಕ್ಕದ ಹಾಳೆಯಲ್ಲಿ ಕಂತಿನ ಪಕ್ಕದಲ್ಲೇ, ಅಷ್ಟೇ ದೊಡ್ಡ ಅಕ್ಷರದಲ್ಲಿ, ಕೊನೆಗೆ ಒಟ್ಟು ಎಷ್ಟು ತುಂಬುತ್ತೀರಿ ಅಂತ ಇರುತ್ತದೆ. ಪ್ರತಿ ವರ್ಷದ ಕೊನೆಗೆ ಬಾಕಿ ಎಷ್ಟು ಅಂತ ಇರುತ್ತದೆ. ಪರಿಶೀಲನಾ ಶುಲ್ಕ, ಅಡಮಾನ ನೋಂದಣಿ ಖರ್ಚು, ವಿಮೆ ಎಲ್ಲ ಸೇರಿಸಿ ನಿಜವಾದ ವಾರ್ಷಿಕ ದರ ಎಷ್ಟು ಬೀಳುತ್ತದೆ ಅನ್ನುವುದೂ ಇರುತ್ತದೆ. ವಿಮೆಯ ಬಗ್ಗೆ ಎಚ್ಚರ ಇರಲಿ. ಮನೆ ಸಾಲಕ್ಕೆ ವಿಮೆ ಇರುವುದು ಒಳ್ಳೆಯದೇ, ದುಡಿಯುವವರಿಗೆ ಏನಾದರೂ ಆದರೆ ಮನೆ ಉಳಿಯುತ್ತದೆ. ಆದರೆ 30 ಸಾವಿರದ ವಿಮಾ ಕಂತನ್ನು ಸಾಲದಲ್ಲೇ ಸೇರಿಸಿಬಿಟ್ಟರೆ, 9ರ ದರದಲ್ಲಿ 20 ವರ್ಷಕ್ಕೆ ಅದು ಸುಮಾರು 65 ಸಾವಿರ ಆಗುತ್ತದೆ. ಆದಷ್ಟು ಕೈಯಿಂದಲೇ ಕಟ್ಟಿ.

ಬ್ಯಾಂಕುಗಳು, ಹಣಕಾಸು ಕಂಪನಿಗಳು ಇಂಥ ಹಾಳೆ ಕೊಡಲೇಬೇಕು ಅಂತ ರಿಸರ್ವ್ ಬ್ಯಾಂಕು 2024ರ ಅಕ್ಟೋಬರ್ 1ರಿಂದ ಕಡ್ಡಾಯ ಮಾಡಿದೆ, ಅದೂ ಸಾಲಗಾರರಿಗೆ ಅರ್ಥವಾಗುವ ಭಾಷೆಯಲ್ಲಿ. ನಮ್ಮಂಥ ಪತ್ತಿನ ಸಂಘಗಳು ರಿಸರ್ವ್ ಬ್ಯಾಂಕಿನ ಕೆಳಗೆ ಬರಲ್ಲ. ಆದರೂ ಒಳ್ಳೆಯ ನಿಯಮವನ್ನು ಪಾಲಿಸಲು ಯಾರ ಆದೇಶವೂ ಬೇಕಿಲ್ಲ ಅಲ್ವಾ? ಇಲ್ಲಿಂದ ದೂರವಲ್ಲದ ಗದಗ ಹತ್ತಿರದ ಕಣಗಿನಹಾಳದಲ್ಲಿ 1905ರಲ್ಲಿ ಸಿದ್ಧನಗೌಡ ಪಾಟೀಲರು ಕೃಷಿ ಪತ್ತಿನ ಸಂಘ ಕಟ್ಟಿದರು. ಆ ಕಾಲದಲ್ಲಿ ಸಾವಕಾರರ ಬಡ್ಡಿಯ ಲೆಕ್ಕ ರೈತರಿಗೆ ತಿಳಿಯುತ್ತಿರಲಿಲ್ಲ. ನಮ್ಮ ಸಂಘದ ಲೆಕ್ಕವೂ ಸದಸ್ಯರಿಗೆ ತಿಳಿಯದಂತೆ ಇದ್ದರೆ ಪಾಟೀಲರ ಹೆಸರು ಹೇಳುವ ಹಕ್ಕು ನಮಗಿಲ್ಲ.

ಬೇರೆ ಕಡೆ ಸಾಲ ಕೇಳಲು ಹೋಗುವವರೂ ಇದ್ದೀರಿ. ಖಂಡಿತ ಹೋಗಿ, ಹೋಲಿಸಿ ನೋಡಿ, ಕಡಿಮೆ ಬಿದ್ದಲ್ಲಿ ತಗೊಳ್ಳಿ. ಎರಡು ವಿಷಯ ಮಾತ್ರ ಕೇಳಿಕೊಂಡು ಬನ್ನಿ. ಮೊದಲನೆಯದು, ಬಡ್ಡಿ ಇಳಿಯುವ ಬಾಕಿಯ ಮೇಲೋ, ಮೊದಲ ಅಸಲಿನ ಮೇಲೋ? "ಫ್ಲಾಟ್ 6" ಅಂದರೆ ಕೊನೆಯವರೆಗೂ ಪೂರ್ತಿ 10 ಲಕ್ಷದ ಮೇಲೆ ಬಡ್ಡಿ ಹಾಕುತ್ತಾರೆ. 15 ವರ್ಷಕ್ಕೆ ಕಂತು 10,556 ಬರುತ್ತದೆ. ಅದು ಇಳಿಯುವ ಬಾಕಿಯ ಲೆಕ್ಕದಲ್ಲಿ ಸುಮಾರು ಶೇಕಡಾ 9.7. ಹೆಸರಿಗೆ 6, ಆದರೆ ನಮ್ಮ 9ಕ್ಕಿಂತ ತುಟ್ಟಿ.

ಎರಡನೆಯದು, ದರ ಏರಿದರೆ ಏನು ಮಾಡುತ್ತೀರಿ ಅಂತ ಕೇಳಿ. 2022ರ ಮೇ ತಿಂಗಳಿಂದ 2023ರ ಫೆಬ್ರವರಿಯೊಳಗೆ ರಿಸರ್ವ್ ಬ್ಯಾಂಕು ರೆಪೊ ದರವನ್ನು, ಅಂದರೆ ತಾನು ಬ್ಯಾಂಕುಗಳಿಗೆ ಸಾಲ ಕೊಡುವ ದರವನ್ನು, ಶೇಕಡಾ 4ರಿಂದ 6.5ಕ್ಕೆ ಏರಿಸಿತು. ಬದಲಾಗುವ ದರದ ಸಾಲ ಮಾಡಿದ್ದ ಎಷ್ಟೋ ಜನರಿಗೆ ಕಂತು ಅಷ್ಟೇ ಇತ್ತು, ಹಾಗಾಗಿ ಏನೂ ಆಗಿಲ್ಲ ಅಂದುಕೊಂಡರು. ಒಳಗೆ ಅವಧಿ ಬೆಳೆಯುತ್ತಿತ್ತು. 7ರ ದರದಲ್ಲಿ 20 ವರ್ಷಕ್ಕೆ 10 ಲಕ್ಷ ತಂದವರ ಕಂತು 7,753. ಒಂದು ವರ್ಷ ಆದಮೇಲೆ ದರ 9.5 ಆಯಿತು ಅಂದುಕೊಳ್ಳಿ. ಆ ತಿಂಗಳ ಬಡ್ಡಿಯೇ 7,728. ಅಸಲಿಗೆ ಹೋಗುವುದು 25 ರೂಪಾಯಿ! ಎರಡು ಕಪ್ ಚಹಾದ ರೊಕ್ಕ. ಈ ಕಾರಣಕ್ಕೇ 2023ರ ಆಗಸ್ಟ್‌ನಲ್ಲಿ ರಿಸರ್ವ್ ಬ್ಯಾಂಕು, ದರ ಬದಲಾದಾಗ ಕಂತು ಏರಿಸಬೇಕೋ ಅವಧಿ ಏರಿಸಬೇಕೋ ಅಂತ ಆರಿಸಿಕೊಳ್ಳುವ ಅವಕಾಶವನ್ನು ಸಾಲಗಾರರಿಗೆ ಕೊಡಬೇಕು ಅಂತ ಬ್ಯಾಂಕುಗಳಿಗೆ ಹೇಳಿತು. ಬ್ಯಾಂಕಿನಿಂದ ಅಂಥ ಪತ್ರವೋ ಎಸ್‌ಎಂಎಸ್ಸೋ ಬಂದರೆ ಸುಮ್ನೆ ಬಿಡಬೇಡಿ.

ಮಾಸ್ತರರ ಖಾತೆಯ ವಿಷಯ ಹೇಳಿ ಮುಗಿಸುತ್ತೇವೆ. ಅವರು ತುಟ್ಟಿಭತ್ಯೆಯ ಬಾಕಿ ರೊಕ್ಕ ಬಂದಾಗ 40 ಸಾವಿರ ಅಸಲಿಗೆ ತುಂಬಿದ್ದಾರೆ. ಕಂತನ್ನೂ ತಾವಾಗಿಯೇ 10 ಸಾವಿರಕ್ಕೆ ಏರಿಸಿಕೊಂಡಿದ್ದಾರೆ. ಹಳೆಯ ಸಾಲ ಇರುವ ಯಾರು ಬೇಕಾದರೂ ಹೀಗೆ ಮಾಡಬಹುದು. ಒಂದು ಅರ್ಜಿ ಸಾಕು, ಹೊಸ ಕಾಗದಪತ್ರ ಬೇಡ.

ಏಪ್ರಿಲ್ ಮುಗಿಯುವವರೆಗೆ ಪ್ರತಿ ಶನಿವಾರ ಮಧ್ಯಾಹ್ನ 3ರಿಂದ 6ರವರೆಗೆ ಕಚೇರಿಯಲ್ಲಿ ಇಬ್ಬರು ಸಿಬ್ಬಂದಿ ಇದೇ ಕೆಲಸಕ್ಕೆ ಕೂತಿರುತ್ತಾರೆ. ನಿಮ್ಮ ಸಾಲದ ಉತಾರ ತನ್ನಿ. ಸಾಲ ಬೇರೆ ಬ್ಯಾಂಕಿನದಾಗಿದ್ದರೂ ತನ್ನಿ, ಲೆಕ್ಕ ಮಾಡಿ ಹಾಳೆ ಬರೆದುಕೊಡುತ್ತೇವೆ. ಬರುವಾಗ ಮನೆಯವರನ್ನೂ ಕರೆದುಕೊಂಡು ಬನ್ನಿ. ಕಂತು ಕಟ್ಟಲು ಎಲ್ಲಿ ಕೈ ಹಿಡಿಯಬೇಕು ಅನ್ನುವುದು ಅಡುಗೆಮನೆ ನಡೆಸುವವರಿಗೇ ಚೆನ್ನಾಗಿ ಗೊತ್ತಿರುತ್ತದೆ.

ನಿಮ್ಮ ವಿಶ್ವಾಸಿ,
ಕಾರ್ಯದರ್ಶಿ
ಆಡಳಿತ ಮಂಡಳಿಯ ಪರವಾಗಿ