ಶನಿವಾರ ತೋರಿಸಿದ ಸಿನಿಮಾ ಬಗ್ಗೆ, ಆ ಕಥೆ ಬರೆದವರ ಬಗ್ಗೆ

ಪೋಷಕರಿಗೆ ನಮಸ್ಕಾರ.

ಹೋದ ಶನಿವಾರ ಏಳು ಮತ್ತು ಎಂಟನೇ ತರಗತಿ ಮಕ್ಕಳಿಗೆ ಸ್ಮಾರ್ಟ್ ಕ್ಲಾಸ್ ರೂಮಿನಲ್ಲಿ ಒಂದು ಜಪಾನಿ ಕಾರ್ಟೂನ್ ಸಿನಿಮಾ ತೋರಿಸಿದೆವು. ಹೆಸರು ಹೌಲ್ಸ್ ಮೂವಿಂಗ್ ಕ್ಯಾಸಲ್. ಒಂದು ಕೋಟೆ ಕಾಲು ಬಂದು ಬೆಟ್ಟದ ಮೇಲೆ ಓಡಾಡುತ್ತದೆ, ಟೋಪಿ ಅಂಗಡಿಯ ಹುಡುಗಿಯೊಬ್ಬಳು ಶಾಪ ತಗುಲಿ ತೊಂಬತ್ತು ವರ್ಷದ ಮುದುಕಿ ಆಗುತ್ತಾಳೆ, ಒಲೆಯೊಳಗಿನ ಬೆಂಕಿ ಮಾತಾಡುತ್ತದೆ. ಮಕ್ಕಳು ಬಾಯಿ ಬಿಟ್ಟುಕೊಂಡು ನೋಡಿದರು. ಇಂಗ್ಲಿಷ್ ಮೇಡಂ ಅಲ್ಲಲ್ಲಿ ನಿಲ್ಲಿಸಿ ಕನ್ನಡದಲ್ಲಿ ಹೇಳುತ್ತಿದ್ದರು, ಆದರೆ ಅರ್ಧ ಆದ ಮೇಲೆ ಮಕ್ಕಳೇ "ನಿಲ್ಲಿಸಬೇಡಿ ಮೇಡಂ, ಅರ್ಥ ಆಗ್ತಿದೆ" ಅಂದರು.

ಸೋಮವಾರದಿಂದ ನನಗೆ ಫೋನುಗಳು ಶುರುವಾಗಿವೆ. "ಮಾಟ ಮಂತ್ರದ ಸಿನಿಮಾ ತೋರಿಸಿದೀರಂತೆ ಮೇಡಂ, ಸ್ಕೂಲಲ್ಲಿ ಇದೆಲ್ಲಾ ಯಾಕೆ?" ಅಂತ ಕೆಲವರು. "ಇದು ಪರೀಕ್ಷೆಗೆ ಬರುತ್ತಾ?" ಅಂತ ಇನ್ನು ಕೆಲವರು. ಒಬ್ಬ ತಾಯಿ ಮಾತ್ರ "ನಮ್ಮ ಹುಡುಗ ಆ ಕಥೆ ಹೇಳಿ ಹೇಳಿ ತಲೆ ತಿಂತಿದ್ದಾನೆ, ನಮ್ಮತ್ತೆ ಬೇರೆ ಮುಂದೇನಾಯ್ತು ಮುಂದೇನಾಯ್ತು ಅಂತ ಕೇಳ್ತಾರೆ" ಅಂತ ನಕ್ಕರು. ಒಬ್ಬೊಬ್ಬರಿಗೂ ಫೋನಿನಲ್ಲಿ ಬಿಡಿಸಿ ಹೇಳಲು ಆಗುವುದಿಲ್ಲ. ಅದಕ್ಕೆ ಈ ಪತ್ರ. ಸ್ವಲ್ಪ ಉದ್ದ ಇದೆ, ರಾತ್ರಿ ಊಟ ಆದ ಮೇಲೆ ಓದಿ.

ಮೊದಲು ಮಾಟದ ವಿಷಯ ಮುಗಿಸಿಬಿಡೋಣ. ಏಳು ಸಮುದ್ರದ ಆಚೆ ಒಂದು ಮರ, ಮರದಲ್ಲಿ ಗಿಣಿ, ಗಿಣಿಯೊಳಗೆ ರಾಕ್ಷಸನ ಪ್ರಾಣ. ಈ ಕಥೆ ಕೇಳದೆ ಬೆಳೆದವರು ನಮ್ಮ ಮುಳಬಾಗಿಲು ತಾಲ್ಲೂಕಿನಲ್ಲಿ ಯಾರಿದ್ದೀರಿ? ಕನ್ನಡದಲ್ಲಿ ಕೇಳಿರುತ್ತೀರಿ, ಇಲ್ಲ ಅಜ್ಜಿಯ ಬಾಯಲ್ಲಿ ತೆಲುಗಿನಲ್ಲಿ ಕೇಳಿರುತ್ತೀರಿ. ನಿಮ್ಮ ಮಕ್ಕಳು ನೋಡಿದ ಸಿನಿಮಾದಲ್ಲೂ ಅದೇ ಇದೆ. ಮಂತ್ರವಾದಿ ಹೌಲ್‌ನ ಹೃದಯ ಅವನ ಎದೆಯಲ್ಲಿ ಇಲ್ಲ, ಒಲೆಯ ಬೆಂಕಿಯ ಹತ್ತಿರ ಇದೆ. ಆ ಬೆಂಕಿ ಆರಿದರೆ ಅವನೂ ಇಲ್ಲ. ಆವಣಿ ಬೆಟ್ಟಕ್ಕೆ ಮಕ್ಕಳನ್ನು ಕರೆದುಕೊಂಡು ಹೋಗಿ, ಸೀತಮ್ಮ ಲವಕುಶರನ್ನು ಹೆತ್ತಿದ್ದು ಇಲ್ಲೇ ಅಂತ ಕೈ ತೋರಿಸಿ ಹೇಳುವವರು ನಾವು. ನಮ್ಮ ಮಕ್ಕಳಿಗೆ ಇಂಥ ಕಥೆ ಹೊಸದೇನಲ್ಲ. ಇದನ್ನು ನೋಡಿ ಯಾವ ಮಗುವೂ ನಿಂಬೆಹಣ್ಣು ಕುಯ್ಯಲು ಕೂರುವುದಿಲ್ಲ, ಧೈರ್ಯವಾಗಿರಿ.

ಈಗ ಎರಡನೇ ಪ್ರಶ್ನೆ. ಪರೀಕ್ಷೆಗೆ ಬರುವುದಿಲ್ಲ. ಆದರೆ ಈ ಕಥೆ ಬರೆದ ಹೆಂಗಸಿನ ಬದುಕು ನಿಮಗೆ ಗೊತ್ತಿರಬೇಕು ಅಂತ ನನ್ನ ಆಸೆ. ಮಕ್ಕಳಿಗಿಂತ ಜಾಸ್ತಿ ನಿಮಗೇ.

ಅವರ ಹೆಸರು ಡಯಾನಾ ವಿನ್ ಜೋನ್ಸ್. ಸಿನಿಮಾ ಮಾಡಿದವರು ಜಪಾನಿನ ಹಯಾವೊ ಮಿಯಾಝಾಕಿ, 2004ರಲ್ಲಿ. ಅದಕ್ಕೆ ಮೂಲವಾದ ಡಯಾನಾ ಅವರ ಕಾದಂಬರಿ ಬಂದಿದ್ದು 1986ರಲ್ಲಿ. ಡಯಾನಾ ಹುಟ್ಟಿದ್ದು ಲಂಡನ್‌ನಲ್ಲಿ, 1934ರ ಆಗಸ್ಟ್ 16ರಂದು. ಅವರಿಗೆ ಐದು ವರ್ಷ ಆಗುವಾಗ ಎರಡನೇ ಮಹಾಯುದ್ಧ ಶುರು. ಬಾಂಬಿನ ಭಯಕ್ಕೆ ಲಂಡನ್ನಿನ ಮಕ್ಕಳನ್ನು ಊರು ಬಿಡಿಸಿ ಕಳಿಸುತ್ತಿದ್ದರು. ಇವರನ್ನು ವೇಲ್ಸ್‌ನಲ್ಲಿದ್ದ ಅಜ್ಜನ ಮನೆಗೆ ಕಳಿಸಿದರು. ಅಲ್ಲಿಂದ ಲೇಕ್ ಡಿಸ್ಟ್ರಿಕ್ಟ್ ಅನ್ನುವ ಕೆರೆ ಬೆಟ್ಟಗಳ ಸೀಮೆಗೆ, ಅಲ್ಲಿಂದ ಯಾರ್ಕ್‌ನ ಕ್ರೈಸ್ತ ಸನ್ಯಾಸಿನಿಯರ ಮಠಕ್ಕೆ, ಮತ್ತೆ ಲಂಡನ್ನಿಗೆ. ಬೆಕ್ಕಿನ ಮರಿಯನ್ನು ತಾಯಿ ಕಚ್ಚಿಕೊಂಡು ಮನೆ ಮನೆ ತಿರುಗಿಸುವ ಹಾಗೆ.

ಲೇಕ್ ಡಿಸ್ಟ್ರಿಕ್ಟಿನಲ್ಲಿ ನಡೆದ ಎರಡು ಸಂಗತಿಗಳನ್ನು ಅವರೇ ಬರೆದಿದ್ದಾರೆ, ಓದಿದರೆ ನಗು ಬರುತ್ತದೆ. ಯುದ್ಧದ ಕಾಲ, ಚಿತ್ರ ಬರೆಯಲು ಕಾಗದ ಇಲ್ಲ. ಇವರು ಅಟ್ಟದಲ್ಲಿ ಒಳ್ಳೆ ಕಾಗದದ ಕಟ್ಟು ಹುಡುಕಿದರು. ಅದರ ಮೇಲೆ ಯಾರೋ ಹೂವಿನ ಚಿತ್ರ ಬರೆದಿದ್ದರು. ರಬ್ಬರ್ ತಗೊಂಡು ಉಜ್ಜಿ ಉಜ್ಜಿ ಅಳಿಸಿ, ತಮ್ಮ ಚಿತ್ರ ಬರೆಯಲು ಕೂತರು. ಆ ಹೂವಿನ ಚಿತ್ರಗಳು ಜಾನ್ ರಸ್ಕಿನ್ ಅನ್ನುವ ಬಹಳ ದೊಡ್ಡ ವಿದ್ವಾಂಸರದ್ದು! ಸರಿಯಾಗಿ ಬೈಸಿಕೊಂಡರು. ಇನ್ನೊಂದು, ಅದೇ ಕಡೆ ಮಕ್ಕಳ ಪುಸ್ತಕ ಬರೆಯುವ ಇಬ್ಬರು ಪ್ರಸಿದ್ಧರು ಇದ್ದರು. ಆರ್ಥರ್ ರ‍್ಯಾನ್ಸಮ್ ಅನ್ನುವವರು ಬಂದು ಮಕ್ಕಳು ಗಲಾಟೆ ಮಾಡುತ್ತಾರೆ ಅಂತ ದೂರು ಹೇಳಿ ಹೋದರು. ಮೊಲದ ಕಥೆಗಳ ಬಿಯಾಟ್ರಿಕ್ಸ್ ಪಾಟರ್ ಅಂತೂ ಗೇಟಿಗೆ ಜೋತು ಬಿದ್ದು ಆಡುತ್ತಿದ್ದ ಇವರ ತಂಗಿಗೆ ಒಂದು ಏಟು ಕೊಟ್ಟರು. ಮಕ್ಕಳಿಗೆ ಬರೆಯುವವರಿಗೆ ಮಕ್ಕಳನ್ನು ಕಂಡರೆ ಆಗುವುದಿಲ್ಲ ಅಂತ ಪುಟ್ಟ ಡಯಾನಾಗೆ ಅನ್ನಿಸಿದ್ದರೆ ಅದು ಅವರ ತಪ್ಪಲ್ಲ.

ನಾನು ನಿಮಗೆ ಹೇಳಬೇಕೆಂದಿದ್ದ ಭಾಗ ಈಗ ಬರುತ್ತದೆ.

1943ರಲ್ಲಿ ಮನೆಯವರೆಲ್ಲ ಎಸೆಕ್ಸ್ ಜಿಲ್ಲೆಯ ಥ್ಯಾಕ್ಸ್‌ಟೆಡ್ ಅನ್ನುವ ಊರಿಗೆ ಬಂದು ನೆಲೆಸಿದರು. ಅಪ್ಪ ಅಮ್ಮ ಇಬ್ಬರೂ ಶಿಕ್ಷಕರು. ಅಲ್ಲಿ ಒಂದು ಶಿಕ್ಷಣ ಕೇಂದ್ರ ನಡೆಸುತ್ತಿದ್ದರು, ಊರಿನವರಿಗೆಲ್ಲ ಪಾಠ, ಸಂಗೀತ, ಉಪನ್ಯಾಸ. ಆದರೆ ಸ್ವಂತ ಮೂರು ಹೆಣ್ಣು ಮಕ್ಕಳನ್ನು ಮಲಗಿಸುತ್ತಿದ್ದದ್ದು ದೊಡ್ಡ ಮನೆಯ ಹೊರಗೆ, ಚಳಿ ಕಾಯಿಸಲು ಏನೂ ಇಲ್ಲದ ಒಂದು ಚಿಕ್ಕ ಕಟ್ಟಡದಲ್ಲಿ. ಇಂಗ್ಲೆಂಡಿನ ಚಳಿಗೆ! ಇದನ್ನು ನಮ್ಮ ಸ್ಟಾಫ್ ರೂಮಿನಲ್ಲಿ ಓದಿ ಹೇಳಿದಾಗ ನಮಗೆಲ್ಲ ಸ್ವಲ್ಪ ಕಸಿವಿಸಿ ಆಯಿತು. ಬೇರೆಯವರ ಮಕ್ಕಳಿಗೆ ಪಾಠ ಹೇಳುತ್ತಾ ಸ್ವಂತ ಮಕ್ಕಳ ಹೋಂವರ್ಕ್ ಮರೆಯುವ ಮೇಷ್ಟ್ರುಗಳು ಎಲ್ಲ ಊರಲ್ಲೂ ಇರುತ್ತಾರೆ.

ಅಪ್ಪ ಪುಸ್ತಕದ ವಿಷಯದಲ್ಲಿ ಭಾರಿ ಜಿಪುಣ. ಅದೇ ರ‍್ಯಾನ್ಸಮ್ ಅವರ ಮಕ್ಕಳ ಪುಸ್ತಕಗಳ ಪೂರ್ತಿ ಸೆಟ್ ಕೊಂಡು ತಂದು ಬೀರುವಿನಲ್ಲಿಟ್ಟು ಬೀಗ ಹಾಕಿದರು. ವರ್ಷಕ್ಕೆ ಒಂದು, ಕ್ರಿಸ್‌ಮಸ್ ದಿನ, ಮೂವರಿಗೂ ಸೇರಿ ಒಂದು ಪುಸ್ತಕ. ಬಡತನಕ್ಕೆ ಕೊಡಲಿಲ್ಲ ಅಂದರೆ ಬೇರೆ ಮಾತು, ಮನೆಯಲ್ಲೇ ಇತ್ತು, ದುಡ್ಡು ಕೊಟ್ಟೂ ಆಗಿತ್ತು. ಸುಮ್ನೆ ಬೀಗ! ಎಂಟನೇ ವಯಸ್ಸಿಗೆ ಡಯಾನಾ "ನಾನು ಲೇಖಕಿ ಆಗುತ್ತೇನೆ" ಅಂದಾಗ ಅಪ್ಪ ಅಮ್ಮ ಜೋರಾಗಿ ನಕ್ಕುಬಿಟ್ಟರು.

ಓದಲು ಪುಸ್ತಕ ಇಲ್ಲ, ಪಕ್ಕದಲ್ಲಿ ಇಬ್ಬರು ತಂಗಿಯರು ಕಥೆ ಕಥೆ ಅಂತ ಕಾಡುತ್ತಾರೆ. ಅಕ್ಕ ಏನು ಮಾಡಬೇಕು? ನೋಟ್‌ಬುಕ್ ತಗೊಂಡು ತಾನೇ ಬರೆಯಲು ಕೂತಳು. ಬರೆದದ್ದನ್ನು ರಾತ್ರಿ ಓದಿ ಹೇಳುವುದು, ಮರುದಿನ ಮುಂದಿನ ಭಾಗ ಬರೆಯುವುದು. ಹೀಗೆ ನೋಟ್‌ಬುಕ್ಕಿನ ಮೇಲೆ ನೋಟ್‌ಬುಕ್ ತುಂಬಿದವು.

ಇಲ್ಲಿ ಒಂದು ಮಾತು. "ನೋಡಿದ್ರಾ ಮೇಡಂ, ಪುಸ್ತಕ ಕೊಡದೇ ಇದ್ದಿದ್ದಕ್ಕೇ ಅಲ್ವಾ ಅವಳು ದೊಡ್ಡ ಲೇಖಕಿ ಆಗಿದ್ದು" ಅಂತ ಯಾರಾದರೂ ಹೇಳಬಹುದು. ನಮ್ಮಲ್ಲಿ ಅಂಥ ಜಾಣರು ಇದ್ದಾರೆ. ಅವರ ಕಾದಂಬರಿಗಳನ್ನು ತೆಗೆದು ನೋಡಿ. ಮಕ್ಕಳನ್ನು ಮರೆತ ಅಪ್ಪ ಅಮ್ಮ, ಮಾತು ಕೊಟ್ಟು ತಪ್ಪುವ ದೊಡ್ಡವರು, ಮಕ್ಕಳ ಶಕ್ತಿಯನ್ನು ಕದ್ದು ಬಳಸಿಕೊಳ್ಳುವ ದೊಡ್ಡವರು, ಮತ್ತೆ ಮತ್ತೆ ಬರುತ್ತಾರೆ. ಒಂದು ಕಥೆಯ ಮೇಲೆ ಒಂದು ಕಥೆ, ನಲವತ್ತು ವರ್ಷ. ಆ ಬೀಗ ಅವರ ಮನಸ್ಸಿನಿಂದ ಹೋಗಲೇ ಇಲ್ಲ ಅಂತ ನನಗೆ ಅನ್ನಿಸುತ್ತದೆ.

ಓದು ಮುಂದುವರಿಯಿತು. 1953ರಲ್ಲಿ ಆಕ್ಸ್‌ಫರ್ಡಿನ ಸೇಂಟ್ ಆನ್ಸ್ ಕಾಲೇಜು, ಇಂಗ್ಲಿಷ್ ಸಾಹಿತ್ಯ. ಅಲ್ಲಿ ಪಾಠ ಹೇಳುತ್ತಿದ್ದವರು ಸಿ.ಎಸ್. ಲೂಯಿಸ್ ಮತ್ತು ಟೋಲ್ಕಿನ್, ಇಬ್ಬರೂ ಇಂಥ ಮಾಯಾಲೋಕದ ಕಥೆಗಳ ಗುರುಗಳು. ಲೂಯಿಸ್ ಪಾಠ ಅಂದರೆ ಹಾಲ್ ತುಂಬಿ ತುಳುಕುತ್ತಿತ್ತಂತೆ. ಟೋಲ್ಕಿನ್ ಬೋರ್ಡಿನ ಕಡೆ ತಿರುಗಿಕೊಂಡು ಗೊಣಗುತ್ತಿದ್ದರಂತೆ, ಯಾರೂ ಬರದಿದ್ದರೆ ಮನೆಗೆ ಹೋಗಿ ಬರೆಯಬಹುದಲ್ಲ ಅನ್ನುವ ಆಸೆಗೆ! ಡಯಾನಾ ಬಿಡದೆ ಹೋಗಿ ಕೂರುತ್ತಿದ್ದರು.

1956ರಲ್ಲಿ ಮದುವೆ. ಗಂಡ ಜಾನ್ ಬರೋ, ಮಧ್ಯಯುಗದ ಇಂಗ್ಲಿಷ್ ಸಾಹಿತ್ಯದ ಮೇಷ್ಟ್ರು. ಮೂರು ಗಂಡು ಮಕ್ಕಳು. ಮಕ್ಕಳಿಗೆ ಓದಿ ಹೇಳುತ್ತಾ ಹೇಳುತ್ತಾ, ತಾನು ಚಿಕ್ಕವಳಿದ್ದಾಗ ಯಾವ ಪುಸ್ತಕ ಬೇಕಿತ್ತೋ ಅಂಥದ್ದನ್ನು ಬರೆಯಲು ಶುರು ಮಾಡಿದರು. ಪ್ರಕಾಶಕರು ವರ್ಷಗಟ್ಟಲೆ ವಾಪಸ್ ಕಳಿಸಿದರು. ಮಕ್ಕಳಿಗಾಗಿ ಬರೆದ ಮೊದಲ ಕಾದಂಬರಿ ಅಚ್ಚಾಗಿದ್ದು 1973ರಲ್ಲಿ, ಆಗ ವಯಸ್ಸು ನಲವತ್ತರ ಹತ್ತಿರ. "ಈ ವಯಸ್ಸಲ್ಲಿ ಇನ್ನೇನು" ಅನ್ನುವ ತಾಯಂದಿರು ಇದನ್ನು ಇನ್ನೊಂದು ಸಲ ಓದಿಕೊಳ್ಳಿ.

1977ರಲ್ಲಿ ಚಾರ್ಮ್‌ಡ್ ಲೈಫ್ ಅನ್ನುವ ಕಾದಂಬರಿ ಬಂತು. ಅಪ್ಪ ಅಮ್ಮ ಇಲ್ಲದ ಹುಡುಗ, ಮಂತ್ರವಾದಿಯ ದೊಡ್ಡ ಮನೆ, ಅಲ್ಲಿ ಮಂತ್ರದ ಪಾಠ. ಎಲ್ಲೋ ಕೇಳಿದ ಹಾಗಿದೆ ಅಲ್ವಾ? ಹ್ಯಾರಿ ಪಾಟರ್ ಬಂದಿದ್ದು ಅದಾದ ಇಪ್ಪತ್ತು ವರ್ಷಕ್ಕೆ, 1997ರಲ್ಲಿ. ಚಾರ್ಮ್‌ಡ್ ಲೈಫ್‌ಗೆ ಮರುವರ್ಷ ಗಾರ್ಡಿಯನ್ ಪತ್ರಿಕೆಯ ಮಕ್ಕಳ ಪುಸ್ತಕದ ಬಹುಮಾನ ಸಿಕ್ಕಿತು. ಹ್ಯಾರಿ ಪಾಟರ್ ಜಗತ್ತನ್ನೆಲ್ಲ ಗೆದ್ದ ಮೇಲೆ ಪ್ರಕಾಶಕರಿಗೆ ಇವರ ನೆನಪಾಗಿ ಹಳೆಯ ಪುಸ್ತಕಗಳನ್ನು ಮತ್ತೆ ಅಚ್ಚು ಹಾಕಿದರು. ತಡವಾಗಿಯಾದರೂ ಸರಿ. 1996ರಲ್ಲಿ ಇಂಥ ಕಥೆಗಳನ್ನೇ ಗೇಲಿ ಮಾಡುವ ಒಂದು ಟೂರಿಸ್ಟ್ ಗೈಡ್ ಬರೆದರು: ಆ ಮಾಯಾಲೋಕಕ್ಕೆ ಹೋದರೆ ಊಟಕ್ಕೆ ಯಾವಾಗಲೂ ಸ್ಟ್ಯೂ ಅನ್ನುವ ಗಟ್ಟಿ ಸಾರು ಒಂದೇ, ಕುದುರೆಗಳಿಗೆ ಸುಸ್ತೇ ಆಗುವುದಿಲ್ಲ, ಹೀಗೆ. ನಮ್ಮ ಕಡೆಯವರು ಬರೆದಿದ್ದರೆ ಮೂರು ಹೊತ್ತೂ ಮುದ್ದೆ ಬಸ್ಸಾರು ಇರುತ್ತಿತ್ತೇನೋ. 2007ರಲ್ಲಿ ಇಡೀ ಬದುಕಿನ ಕೆಲಸಕ್ಕೆ ವರ್ಲ್ಡ್ ಫ್ಯಾಂಟಸಿ ಪ್ರಶಸ್ತಿ ಸಿಕ್ಕಿತು.

ನಿಮ್ಮ ಮಕ್ಕಳು ನೋಡಿದ ಕಥೆಗೆ ಬರುತ್ತೇನೆ. ಅದರ ನಾಯಕಿ ಸೋಫಿ, ಕಾದಂಬರಿಯಲ್ಲಿ, ಮೂವರು ಅಕ್ಕತಂಗಿಯರಲ್ಲಿ ದೊಡ್ಡವಳು. ದೊಡ್ಡವಳಾಗಿ ಹುಟ್ಟಿದ ಮೇಲೆ ತನ್ನಿಂದ ಏನೂ ಆಗುವುದಿಲ್ಲ ಅಂತ ಅವಳೇ ನಂಬಿಬಿಟ್ಟಿರುತ್ತಾಳೆ. ಬರೆದವರೂ ಮೂವರಲ್ಲಿ ದೊಡ್ಡವರು. ನಮ್ಮ ಶಾಲೆಯಲ್ಲೂ ತಮ್ಮ ತಂಗಿಯರನ್ನು ನೋಡಿಕೊಳ್ಳಲು ಅಂತ ಸೋಮವಾರ ಸೋಮವಾರ ರಜೆ ಹಾಕುವ ದೊಡ್ಡ ಹುಡುಗಿಯರು ಇದ್ದಾರೆ. ಆ ದಿನ ಸಿನಿಮಾದಲ್ಲಿ ಅವರಷ್ಟು ಮುಳುಗಿ ಕೂತವರು ಬೇರೆ ಯಾರೂ ಇರಲಿಲ್ಲ.

ಇನ್ನೊಂದು ವಿಷಯ ನನಗೆ ಬಹಳ ಇಷ್ಟ. ಡಯಾನಾ ಶಾಲೆಗಳಿಗೆ ಹೋಗಿ ಮಕ್ಕಳ ಜೊತೆ ಮಾತಾಡುತ್ತಿದ್ದರು. ಒಂದು ಶಾಲೆಯಲ್ಲಿ ಒಬ್ಬ ಹುಡುಗ ಎದ್ದು, ನಡೆಯುವ ಕೋಟೆ ಅಂತ ಒಂದು ಪುಸ್ತಕ ಬರೆಯುತ್ತೀರಾ ಅಂತ ಕೇಳಿದ. ಅದೇ ಈ ಕಾದಂಬರಿ. ಅವನ ಹೆಸರನ್ನು ಬರೆದುಕೊಂಡು ಎಷ್ಟು ಜೋಪಾನವಾಗಿ ಎತ್ತಿಟ್ಟರೆಂದರೆ ಆಮೇಲೆ ಅದು ಸಿಗಲೇ ಇಲ್ಲ, ಇದನ್ನು ಪುಸ್ತಕದ ಮೊದಲಲ್ಲೇ ಬರೆದು ಅವನಿಗೆ ಥ್ಯಾಂಕ್ಸ್ ಹೇಳಿದ್ದಾರೆ. ಯೋಚನೆ ಮಾಡಿ, ಆ ಹುಡುಗನನ್ನು ಮೇಷ್ಟ್ರು "ಸುಮ್ನೆ ಕೂತ್ಕೊಳೋ, ತಲೆಹರಟೆ" ಅಂದಿದ್ದರೆ? ನಮ್ಮಲ್ಲಿ ದಿನಕ್ಕೆ ಎಷ್ಟು ಸಲ ಅನ್ನುತ್ತೇವೆ, ಶಾಲೆಯಲ್ಲೂ ಮನೆಯಲ್ಲೂ.

ಡಯಾನಾ ತೀರಿಕೊಂಡಿದ್ದು 2011ರ ಮಾರ್ಚ್ 26ರಂದು, ಬ್ರಿಸ್ಟಲ್ ನಗರದಲ್ಲಿ, ಶ್ವಾಸಕೋಶದ ಕ್ಯಾನ್ಸರ್‌ನಿಂದ. ಒಂದು ಕಾದಂಬರಿ ಅರ್ಧಕ್ಕೆ ನಿಂತಿತ್ತು. ಅದನ್ನು ಮುಗಿಸಿದ್ದು ಕಿರಿಯ ತಂಗಿ ಅರ್ಸುಲಾ, ರಾತ್ರಿ ಆ ಚಳಿಯಲ್ಲಿ ಅಕ್ಕನ ನೋಟ್‌ಬುಕ್ ಕಥೆ ಕೇಳಿ ಬೆಳೆದವರು. 2014ರಲ್ಲಿ ಪುಸ್ತಕ ಬಂತು.

ಈಗ ನಮ್ಮ ಕೆಲಸದ ಮಾತು. ಈ ಶನಿವಾರದಿಂದ ಪ್ರತಿ ಮಗುವಿನ ಕೈಗೂ ಶಾಲೆಯ ಗ್ರಂಥಾಲಯದಿಂದ ಒಂದು ಕಥೆ ಪುಸ್ತಕ ಕೊಟ್ಟು ಕಳಿಸುತ್ತೇವೆ, ಮುಂದಿನ ಶುಕ್ರವಾರ ವಾಪಸ್ ತಂದರೆ ಸಾಕು. ಹರಿದರೆ ಅಂಟು ಹಾಕೋಣ, ಬೈಯಬೇಡಿ. ಹರಿಯುತ್ತದೆ ಅಂತ ಬೀರುವಿನ ಮೇಲೆ ಎತ್ತಿಡುವುದು ಮಾತ್ರ ಬೇಡ, ಹೋದ ವರ್ಷ ಅರ್ಧದಷ್ಟು ಪುಸ್ತಕಗಳು ಮಡಿಕೆ ಬೀಳದೆ ಹೊಸದಾಗಿಯೇ ವಾಪಸ್ ಬಂದವು. ಓದಲು ಬರುವುದಿಲ್ಲ ಅನ್ನುವ ಪೋಷಕರು ಮಗುವಿಗೆ ಜೋರಾಗಿ ಓದು ಅಂತ ಹೇಳಿ, ಕೇಳಿಸಿಕೊಳ್ಳಿ, ಅಡುಗೆ ಮಾಡುತ್ತಲೇ ಕೇಳಿಸಿಕೊಳ್ಳಬಹುದು. ಪಂಚಾಯಿತಿ ಗ್ರಂಥಾಲಯದಲ್ಲಿ ಮಕ್ಕಳಿಗೆ ಸದಸ್ಯತ್ವ ಉಚಿತ, "ಓದುವ ಬೆಳಕು" ಅನ್ನುವ ಸರ್ಕಾರದ ಕಾರ್ಯಕ್ರಮ ಶುರುವಾದ 2020ರಿಂದ. ಇನ್ನೂ ಮಾಡಿಸದವರು ಕ್ಲಾಸ್ ಟೀಚರ್ ಹತ್ತಿರ ಹೆಸರು ಕೊಡಿ, ನಾವೇ ಮಾಡಿಸುತ್ತೇವೆ.

ರಫ್ ನೋಟಿನ ಹಿಂದೆ ಮಗು ಕಥೆ ಬರೆದಿದ್ದು ಕಂಡರೆ ಹಾಳೆ ಹರಿಯಬೇಡಿ, ನಗಬೇಡಿ. ನನಗೆ ಕಳಿಸಿ, ನಾನು ಓದುತ್ತೇನೆ.

ಕೊನೆಗೆ ಒಂದು ಕೋರಿಕೆ ಇದೆ. ತಿಂಗಳ ಕೊನೆಯ ಶನಿವಾರ ಬೆಳಿಗ್ಗೆ ಹತ್ತು ಗಂಟೆಗೆ ಅಜ್ಜಿ ತಾತಂದಿರು ಶಾಲೆಗೆ ಬಂದು ಮಕ್ಕಳಿಗೆ ಕಥೆ ಹೇಳಬೇಕು. ತೆಲುಗಿನಲ್ಲಿ ಹೇಳಿದರೂ ಸರಿ, ಮಕ್ಕಳಿಗೆ ಅರ್ಥ ಆಗುತ್ತದೆ, ನಮಗೂ ಆಗುತ್ತದೆ. ರಾಕ್ಷಸ, ಮಾಟಗಾತಿ, ಗಿಣಿ ಎಲ್ಲ ಇರಲಿ. ಟೊಮೆಟೊ ಕೀಳುವ ಕಾಲ, ವಡ್ಡಹಳ್ಳಿ ಮಾರ್ಕೆಟ್ಟಿಗೆ ಲೋಡ್ ಕಳಿಸುವ ಗಡಿಬಿಡಿ ಇರುತ್ತದೆ ಅಂತ ಗೊತ್ತು. ಅಜ್ಜಿಯನ್ನು ಗೇಟಿನ ಹತ್ತಿರ ಬಿಟ್ಟು ಹೋಗಿ, ಮಧ್ಯಾಹ್ನ ಬಿಸಿಯೂಟ ಮಾಡಿಸಿ ನಾವೇ ಮನೆಗೆ ಕಳಿಸುತ್ತೇವೆ.

ಇಂತಿ,
ಮುಖ್ಯ ಶಿಕ್ಷಕಿ